ಪಟ್ಟೆಯೆಂದರೆ ಬರೀ ಗೆರೆಯಲ್ಲ

ಪ್ರತಿ ವರ್ಷ ಜ್ಯೇಷ್ಠ ಮಾಸದಲ್ಲಿ ಚಿಕ್ಕೋಡಿ ತಾಲ್ಲೂಕಿನ ಅಂಕಲಿಯಿಂದ ಎರಡು ಕುದುರೆಗಳು ಹೊರಡುತ್ತವೆ. ಕೃಷ್ಣಾ ತೀರದ ಈ ಊರಿನ ಶಿತೋಳೆ ಸರದಾರರ ಮನೆತನಕ್ಕೆ ಸೇರಿದ ಈ ಕುದುರೆಗಳು ಸುಮಾರು 300 ಕಿಲೋಮೀಟರ್ ನಡೆದು ಪುಣೆ ಸಮೀಪದ ಆಳಂದಿಯನ್ನು ಮುಟ್ಟುತ್ತವೆ. ಅಲ್ಲಿಂದ ಸಂತ ಜ್ಞಾನೇಶ್ವರರ ಪಾಲಖಿಯೊಡನೆ ಪಂಢರಪುರಕ್ಕೆ ಸಾಗುತ್ತವೆ. 19ನೇ ಶತಮಾನದ ಪೂರ್ವಾರ್ಧದಲ್ಲಿ ಹೈಬತ್‌ರಾವ್ ಬಾಬಾ ಅರಫಳಕರರು ಪಾಲಖಿಗೆ ಈಗಿನ ವೈಭವದ ರೂಪ ಕೊಟ್ಟಾಗ ಅಂಕಲಿಯ ಈ ಮನೆತನ ಬೆನ್ನಿಗೆ ನಿಂತಿತು. ಅಂದಿನಿಂದಲೂ ಈ ಮಾನ ಅಂಕಲಿಯದು. ಎರಡು ಕುದುರೆಗಳಲ್ಲಿ ಒಂದರ ಮೇಲೆ ಯಾರೂ ಕೂರುವುದಿಲ್ಲ. ಅದು ‘ಮಾವುಲಿ’ಯ ಕುದುರೆ. ಇನ್ನೊಂದರ ಮೇಲೆ ಸವಾರನಿರುತ್ತಾನೆ. ಅವನ ಕೈಯಲ್ಲಿ ಜರಿಪಟಕಾ.

ಜರಿಪಟಕಾ ಎಂದರೆ ಜರಿ ಬಟ್ಟೆಯ ನಿಶಾನೆ. ಮರಾಠಾ ರಾಜ್ಯಕ್ಕೆ ಭಗವಾ ಧ್ವಜದ ಜೊತೆಗೆ ಇದೂ ಒಂದು ಅಧಿಕೃತ ನಿಶಾನೆಯಾಗಿತ್ತು. ‘ಜರಿ’ ಎಂಬುದು ಚಿನ್ನ ಎಂಬ ಅರ್ಥದ ಪರ್ಸಿಯನ್ ಪದದಿಂದ ಬಂದಿದೆ. ಹಾಗಾದರೆ ‘ಪಟಕಾ’? ನಮ್ಮ ಬೆಳಗಾವಿ, ವಿಜಾಪುರದ ಕಡೆ ರೈತರು ತಲೆಗೆ ಸುತ್ತುವುದೂ ಪಟಕಾ. ಹಿಂದಿಯಲ್ಲಿ ಸೊಂಟಕ್ಕೆ ಕಟ್ಟುವ ಬಟ್ಟೆಯೂ ಪಟಕಾ. ಧ್ವಜ, ರುಮಾಲು, ನಡುಕಟ್ಟು ಈ ಮೂರಕ್ಕೂ ಒಂದೇ ಹೆಸರು ಹೇಗೆ ಬಂತು? ಈ ಪ್ರಶ್ನೆಯ ಬೆನ್ನು ಹತ್ತಿದರೆ ನಾವು ಬಂದು ನಿಲ್ಲುವುದು ‘ಪಟ್ಟ’ ಎಂಬ ಹಳೆಯ ಪದದ ಬಾಗಿಲಿಗೆ. ಕನ್ನಡದಲ್ಲಿ ಅದೇ ‘ಪಟ್ಟೆ’. ಅಂದರೆ ರೇಷ್ಮೆ.

ಇಂದು ಶಾಲೆಗೆ ಹೋಗುವ ಮಗುವಿಗೆ ಪಟ್ಟೆ ಎಂದರೆ ಹುಲಿಯ ಮೈಮೇಲಿನ ಗೆರೆ. ‘ಪಟ್ಟೆ ಪೀತಾಂಬರ ಉಟ್ಟು ಬಂದಳು’ ಎಂದು ಅಜ್ಜಿ ಕಥೆ ಹೇಳಿದರೆ, ‘ಪೀತಾಂಬರದ ಮ್ಯಾಲ ಗೆರಿ ಇರ್ತಾವೇನ ಆಯಿ?’ ಎಂದು ಮೊಮ್ಮಗಳು ಕೇಳಿಯಾಳು. ಅವಳ ತಪ್ಪೇನಿಲ್ಲ. ಸಾವಿರ ವರ್ಷಕ್ಕೂ ಮಿಕ್ಕಿ ಬಾಳಿದ ಅರ್ಥವೊಂದು ನಮ್ಮ ಭಾಗದಲ್ಲಿ ಮೆಲ್ಲಗೆ ಕಣ್ಮರೆಯಾಗುತ್ತಿದೆ. ಕರಾವಳಿ ಮತ್ತು ಮಲೆನಾಡಿನಲ್ಲಿ ‘ಪಟ್ಟೆ ಸೀರೆ’ ಇನ್ನೂ ಬಳಕೆಯ ಮಾತು. ತೆಲುಗು, ತಮಿಳಿನ ‘ಪಟ್ಟು’ ಇದರ ಸೋದರ ಪದ. ಉತ್ತರ ಕರ್ನಾಟಕದಲ್ಲಿ ಮಾತ್ರ ಅದರ ಜಾಗವನ್ನು ‘ರೇಷ್ಮೆ’ ಆಕ್ರಮಿಸಿದೆ. ಇದೂ ಪರ್ಸಿಯನ್ ಮೂಲದ್ದೇ. ಬಹಮನಿ ಹಾಗೂ ಆದಿಲಶಾಹಿ ಆಳ್ವಿಕೆಯ ಶತಮಾನಗಳಲ್ಲಿ ಜರಿ, ಶಾಲು, ಕಿನಖಾಪುಗಳು ನಮ್ಮ ಮಾತಿಗೆ ಬಂದ ದಾರಿಯಲ್ಲೇ ರೇಷ್ಮೆಯೂ ಬಂದಿತೆನ್ನಬಹುದು.

ಚೀನದಿಂದ ಬಂದ ಪಟ್ಟೆ

ರೇಷ್ಮೆ ಬಟ್ಟೆಗೆ ನಮ್ಮ ಪ್ರಾಚೀನರು ಒಂದಲ್ಲ, ಹಲವು ಹೆಸರಿಟ್ಟಿದ್ದರು. ಹುಳುವಿನ ಕೋಶದಿಂದ ಬಂದದ್ದು ಕೌಶೇಯ. ಪಾಣಿನಿಯ ವ್ಯಾಕರಣದಲ್ಲೇ ಈ ಪದಕ್ಕೆ ಸೂತ್ರವಿದೆ. ಕೌಟಿಲ್ಯನ ಅರ್ಥಶಾಸ್ತ್ರ ಬೆಲೆಬಾಳುವ ವಸ್ತುಗಳನ್ನು ಎಣಿಸುವಾಗ ಕೌಶೇಯದ ಜೊತೆಗೆ ‘ಚೀನಪಟ್ಟ’ವನ್ನೂ ಹೆಸರಿಸಿ, ಅದು ಚೀನಭೂಮಿಯಲ್ಲಿ ಹುಟ್ಟಿದ್ದೆಂದು ಹೇಳುತ್ತದೆ. ಕಾಳಿದಾಸನ ಶಾಕುಂತಲದಲ್ಲಿ ದುಷ್ಯಂತನ ದೇಹ ಮುಂದೆ ಸಾಗಿದರೂ ಮನಸ್ಸು ಹಿಂದಕ್ಕೆ ಓಡುವುದನ್ನು ಹೇಳಲು ಬಂದ ಹೋಲಿಕೆ, ಗಾಳಿಗೆದುರಾಗಿ ಒಯ್ದ ಧ್ವಜದ ಚೀನಾಂಶುಕ. ಇದೂ ರೇಷ್ಮೆಯೇ. ಅಂಕಲಿಯ ಸವಾರನ ಕೈಯ ಜರಿಪಟಕಾಕ್ಕೆ ಇಷ್ಟು ಹಳೆಯ ಪೂರ್ವಜರಿದ್ದಾರೆ!

ಕರ್ನಾಟಕಕ್ಕೆ ಬಂದರೆ, ಕಲ್ಯಾಣದ ಚಾಲುಕ್ಯ ದೊರೆ ಮೂರನೇ ಸೋಮೇಶ್ವರನ ‘ಮಾನಸೋಲ್ಲಾಸ’ ಮುಖ್ಯ ದಾಖಲೆ. 12ನೇ ಶತಮಾನದ ಈ ಸಂಸ್ಕೃತ ಗ್ರಂಥದಲ್ಲಿ ಅರಸನ ವಸ್ತ್ರಭೋಗಕ್ಕೆ ಒಂದು ಪ್ರಕರಣವೇ ಮೀಸಲು. ಕಳಿಂಗ, ವಂಗ, ಸಿಂಹಳ, ಮೂಲಸ್ಥಾನ ಅಂದರೆ ಮುಲ್ತಾನ, ಗುಜರಾತಿನ ಅಣಿಲವಾಡ, ಕೊನೆಗೆ ಮಹಾಚೀನದಿಂದಲೂ ಅರಮನೆಗೆ ಬಟ್ಟೆ ಬರುತ್ತಿದ್ದುದನ್ನು ಸೋಮೇಶ್ವರ ಪಟ್ಟಿ ಮಾಡಿದ್ದಾನೆ. ಹತ್ತಿ, ನಾರು, ಉಣ್ಣೆ, ಕೋಶದ ನೂಲು ಎಂದು ಬಟ್ಟೆಯ ಜಾತಿಗಳನ್ನೂ ಬೇರ್ಪಡಿಸಿದ್ದಾನೆ.

ಇಲ್ಲಿ ಒಂದು ಸಂಗತಿ ಗಮನಾರ್ಹ. ಹಿಪ್ಪುನೇರಳೆ ಬೆಳೆದು ಹುಳು ಸಾಕುವ ಕಸುಬು ಕರ್ನಾಟಕದಲ್ಲಿ ವ್ಯವಸ್ಥಿತವಾಗಿ ಬೇರೂರಿದ್ದು 18ನೇ ಶತಮಾನದ ಕೊನೆಯಲ್ಲಿ, ಟಿಪ್ಪು ಸುಲ್ತಾನನ ಕಾಲದಲ್ಲಿ. ಬಂಗಾಳದಿಂದ ಹುಳುಗಳನ್ನು ತರಿಸಿದ ಕೀರ್ತಿ ಅವನದು. ನಾಲ್ವಡಿ ಕೃಷ್ಣರಾಜ ಒಡೆಯರ ಆಳ್ವಿಕೆಯಲ್ಲಿ ಮೈಸೂರಿನ ರೇಷ್ಮೆ ನೇಯ್ಗೆ ಕಾರ್ಖಾನೆ ಆರಂಭವಾದದ್ದು 1912ರಲ್ಲಿ. ಇಂದು ದೇಶದಲ್ಲೇ ಹೆಚ್ಚು ರೇಷ್ಮೆ ಬೆಳೆಯುವ ರಾಜ್ಯಗಳ ಮುಂಚೂಣಿಯಲ್ಲಿ ನಾವಿದ್ದೇವೆ. ಆದರೆ ಗೂಡಿಗಿಂತ ನೂರಾರು ವರ್ಷ ಮೊದಲೇ ಪದ ನಮ್ಮಲ್ಲಿ ಮನೆ ಮಾಡಿತ್ತು. ದೂರದಿಂದ ಬರುತ್ತಿದ್ದ, ಕೆಲವರಿಗಷ್ಟೇ ಎಟಕುತ್ತಿದ್ದ ಬಟ್ಟೆಯಾದ್ದರಿಂದಲೇ ಅದಕ್ಕೆ ಅಷ್ಟು ಬೆಲೆ.

ತಲೆಗೆ ಏರಿದ ಬಟ್ಟೆ

ಆ ಬೆಲೆ ಎಲ್ಲಿಯವರೆಗೆ ಹೋಯಿತೆಂದರೆ, ಪಟ್ಟವು ಅರಸೊತ್ತಿಗೆಯ ಹೆಸರೇ ಆಯಿತು. ಸಂಸ್ಕೃತದಲ್ಲಿ ‘ಪಟ್ಟ’ಕ್ಕೆ ಹಲಗೆ, ತಗಡು, ಬಟ್ಟೆಯ ಪಟ್ಟಿ, ರೇಷ್ಮೆ ಮತ್ತು ಹಣೆಗೆ ಕಟ್ಟುವ ಪಟ್ಟಿ ಎಂಬ ಅರ್ಥಗಳಿವೆ. ಚಪ್ಪಟೆಯಾಗಿ ಉದ್ದಕ್ಕಿರುವುದು ಎಂಬ ಭಾವ ಎಲ್ಲದರಲ್ಲೂ ಇದೆ. ಹೊಸ ಅರಸನ ಹಣೆಗೆ ಈ ಪಟ್ಟಿ ಕಟ್ಟುವುದೇ ಪಟ್ಟಬಂಧ. ನಮ್ಮ ಶಾಸನಗಳಲ್ಲಿ ಅರಸರು ‘ಪಟ್ಟಂಗಟ್ಟಿ’ಸಿಕೊಳ್ಳುತ್ತಾರೆಯೇ ಹೊರತು ಕಿರೀಟ ಇಟ್ಟುಕೊಂಡರು ಎಂಬ ಮಾತು ಅಪರೂಪ. ಗಂಗರ ಇಮ್ಮಡಿ ಶಿವಮಾರನ ಹಣೆಗೆ ರಾಷ್ಟ್ರಕೂಟ ಗೋವಿಂದ ಮತ್ತು ಪಲ್ಲವ ನಂದಿವರ್ಮ ಇಬ್ಬರೂ ಸ್ವಹಸ್ತದಿಂದ ಪಟ್ಟ ಕಟ್ಟಿದರೆಂದು ಗಂಗರ ಶಾಸನ ಹೇಳುತ್ತದೆ. ಕಟ್ಟುವ ಕೈ ಯಾರದು ಎಂಬುದರ ಮೇಲೆ ಯಾರು ಹಿರಿಯ, ಯಾರು ಅಧೀನ ಎಂಬುದೂ ತೀರ್ಮಾನವಾಗುತ್ತಿತ್ತು.

6ನೇ ಶತಮಾನದ ವರಾಹಮಿಹಿರನ ಹೊತ್ತಿಗೆ ಈ ಪಟ್ಟ ಚಿನ್ನದ ತಗಡಾಗಿತ್ತು. ಅವನ ಬೃಹತ್ಸಂಹಿತೆಯಲ್ಲಿ ಅದರ ಅಳತೆಗಳಿವೆ. ಅರಸನ ಪಟ್ಟ ನಡುವೆ 8 ಅಂಗುಲ ಅಗಲ, ರಾಣಿಯದು 7, ಯುವರಾಜನದು 6, ಸೇನಾಪತಿಯದು 4. ಅರಸ ಮೆಚ್ಚಿ ಕೊಡುವ ಪ್ರಸಾದಪಟ್ಟ ಕೇವಲ 2 ಅಂಗುಲ. ಅರಸನದಕ್ಕೆ ಐದು ಶಿಖೆ, ರಾಣಿ ಮತ್ತು ಯುವರಾಜರದಕ್ಕೆ ಮೂರು, ಸೇನಾಪತಿಯದಕ್ಕೆ ಒಂದು. ಪ್ರಸಾದಪಟ್ಟಕ್ಕೆ ಶಿಖೆಯೇ ಇಲ್ಲ. ಯಾರ ಸ್ಥಾನ ಎಷ್ಟೆಂದು ಹಣೆ ನೋಡಿದರೇ ತಿಳಿಯುವ ವ್ಯವಸ್ಥೆ!

ಈ ಪಟ್ಟದಿಂದಲೇ ಪಟ್ಟಾಭಿಷೇಕ, ಪಟ್ಟದರಸಿ, ಪಟ್ಟದಾನೆ ಬಂದವು. ಮಠಗಳ ಪಟ್ಟಾಧಿಕಾರವೂ ಇದೇ. ಬಾದಾಮಿ ಚಾಲುಕ್ಯರು ಪಟ್ಟಕಟ್ಟಿಸಿಕೊಳ್ಳುತ್ತಿದ್ದ ಕಿಸುವೊಳಲು ‘ಪಟ್ಟದಕಲ್ಲು’ ಆಯಿತು. ಎರಡನೇ ವಿಕ್ರಮಾದಿತ್ಯನ ರಾಣಿ ಲೋಕಮಹಾದೇವಿ 8ನೇ ಶತಮಾನದಲ್ಲಿ ಕಟ್ಟಿಸಿದ ವಿರೂಪಾಕ್ಷ ದೇವಾಲಯವಿರುವುದು ಅಲ್ಲೇ. 1987ರಲ್ಲಿ ಯುನೆಸ್ಕೊ ಅದನ್ನು ವಿಶ್ವಪರಂಪರೆಯ ತಾಣವೆಂದು ಘೋಷಿಸಿತು. ಅರಸರು ಹೋದರೂ ರೂಢಿ ಹೋಗಿಲ್ಲ. ಮೈಸೂರು ಸೀಮೆಯ ಸಭೆಯಲ್ಲಿ ಗಣ್ಯರ ತಲೆಗೆ ಜರಿಪೇಟ ಇಡುತ್ತಾರೆ, ಚಿಕ್ಕೋಡಿ, ನಿಪ್ಪಾಣಿಯ ಸಭೆಯಲ್ಲಿ ಫೇಟಾ ಸುತ್ತುತ್ತಾರೆ. ಅದು ಪಟ್ಟಬಂಧದ ಪ್ರಜಾಪ್ರಭುತ್ವದ ಆವೃತ್ತಿ ಎನ್ನಬಹುದು. ಹೆಣ್ಣುಮಕ್ಕಳ ದುಪಟ್ಟಾದಲ್ಲಿರುವುದೂ ಇದೇ ಪಟ್ಟ. ಗಾಯಕ್ಕೆ ಕಟ್ಟುವ ಪಟ್ಟಿ, ಹೆಸರುಗಳ ಪಟ್ಟಿ, ಜಮೀನಿನ ಪಟ್ಟಾ, ನಮ್ಮ ಕಡೆ ಪಂಚಾಯ್ತಿಗೆ ಕಟ್ಟುವ ಘರಪಟ್ಟಿ, ಜಾತ್ರೆಗೆ ಎತ್ತುವ ಪಟ್ಟಿ ಎಲ್ಲವೂ ಈ ದೊಡ್ಡ ಕುಟುಂಬದವೇ.

ಮಗುಟ ಮತ್ತು ಮಡಿ

ಪಟ್ಟೆಗೆ ಅರಮನೆಯಲ್ಲಿ ಅಧಿಕಾರ ಬಂದಂತೆ ದೇವರಮನೆಯಲ್ಲಿ ಪಾವಿತ್ರ್ಯ ಬಂತು. ಹಳೆಯ ಮನೆಗಳ ಟ್ರಂಕಿನಲ್ಲಿ ಮಗುಟ ಎಂಬ ರೇಷ್ಮೆ ವಸ್ತ್ರ ಈಗಲೂ ಸಿಗುತ್ತದೆ. ಮರಾಠಿಯಲ್ಲಿ ಇದು ಮುಕಟಾ. ಪೂಜೆಗೆ, ಮಡಿಯೂಟಕ್ಕೆ ಉಡುವ ಬಟ್ಟೆ ಇದು. ಹತ್ತಿಯ ಧೋತರವನ್ನು ದಿನವೂ ಒಗೆದು ಒಣಗಿಸಿದರೆ ಮಾತ್ರ ಮಡಿ, ಮಗುಟಕ್ಕೆ ಆ ಕಟ್ಟಳೆ ಇಲ್ಲ. ಧರ್ಮಶಾಸ್ತ್ರಗಳು ರೇಷ್ಮೆಗೂ ಉಣ್ಣೆಗೂ ಬೇರೆಯೇ ಶುದ್ಧಿಕ್ರಮ ಹೇಳಿವೆ. ಮನುಸ್ಮೃತಿಯ 5ನೇ ಅಧ್ಯಾಯದಲ್ಲಿ ಕೌಶೇಯ ಮತ್ತು ಉಣ್ಣೆಗೆ ಚೌಳು ಮಣ್ಣು, ಕಂಬಳಿಗೆ ಅಂಟವಾಳ, ‘ಅಂಶುಪಟ್ಟ’ಕ್ಕೆ ಬಿಲ್ವದ ಕಾಯಿ, ನಾರುಬಟ್ಟೆಗೆ ಬಿಳಿ ಸಾಸಿವೆ ಎಂದಿದೆ. ಶಾಸ್ತ್ರದ ಮಾತು ಒಂದೆಡೆ ಇರಲಿ, ಬಟ್ಟೆಯ ಜಾತಿಗೆ ತಕ್ಕಂತೆ ಒಗೆಯಬೇಕೆಂಬ ಅನುಭವದ ತಿಳಿವಳಿಕೆಯೂ ಇಲ್ಲಿದೆ. ಅಂಟವಾಳದ ನೊರೆಯಲ್ಲಿ ರೇಷ್ಮೆ ಸೀರೆ ಅದ್ದಿ ತೆಗೆಯುವುದು ಇಂದಿಗೂ ಮನೆಗಳಲ್ಲಿ ನಡೆದಿದೆ.

ಆದರೆ ಮಡಿಯ ಈ ಬಟ್ಟೆಯಲ್ಲಿ ಎರಡು ವಿರೋಧಾಭಾಸಗಳಿವೆ. ಹುಳು ಸಾಕಿದವರು, ನೂಲು ತೆಗೆದವರು, ಬಣ್ಣ ಹಾಕಿದವರು, ನೇದವರು, ಮಾರಿದವರು ಹೀಗೆ ಎಷ್ಟೋ ಜಾತಿ, ಮತಗಳ ಕೈ ದಾಟಿ ಬಂದ ಮೇಲೆ ಅದು ಮಡಿ. ಉಟ್ಟ ಮೇಲೆ ಮಾತ್ರ ಯಾರೂ ಮುಟ್ಟುವಂತಿಲ್ಲ! ಎರಡನೆಯದು, ನೂಲು ತುಂಡಾಗದಂತೆ ತೆಗೆಯಲು ಗೂಡಿನೊಳಗಿನ ಹುಳುವನ್ನು ಬಿಸಿಯಲ್ಲಿ ಕೊಲ್ಲಲೇಬೇಕು. ಜೈನ ಸಮುದಾಯದವರು ಹೆಚ್ಚಾಗಿರುವ ನಮ್ಮ ಚಿಕ್ಕೋಡಿ, ಅಥಣಿ, ಕಾಗವಾಡ ಭಾಗದಲ್ಲಿ ಅಹಿಂಸೆಯ ದೃಷ್ಟಿಯಿಂದ ರೇಷ್ಮೆಯನ್ನು ದೂರವಿಟ್ಟವರಿದ್ದಾರೆ. ಪತಂಗ ಹೊರಬಂದ ಮೇಲೆ ಗೂಡಿನಿಂದ ನೂಲು ತೆಗೆಯುವ ‘ಅಹಿಂಸಾ ರೇಷ್ಮೆ’ಯನ್ನು ಆಂಧ್ರದ ಕುಸುಮ ರಾಜಯ್ಯ ಎಂಬುವರು ಪ್ರಚಾರಕ್ಕೆ ತಂದದ್ದು ಈಚಿನ ದಶಕಗಳಲ್ಲಿ.

ನೇದವರ ಹೆಸರು

ಪಟ್ಟೆ ನೇಯುವವರಿಗೂ ಬಟ್ಟೆಯ ಹೆಸರೇ ಉಳಿದಿದೆ. ಉತ್ತರ ಕರ್ನಾಟಕದ ಪಟ್ಟೆಗಾರರು, ಪಟ್ಟಸಾಲಿಗಳು, ಮಧುರೆಯ ಪಟ್ಟುನೂಲ್‌ಕಾರರು ಇದಕ್ಕೆ ಸಾಕ್ಷಿ. ಈ ನೇಕಾರರ ಹಳೆಯ ಕಥೆಯೊಂದು ಮಧ್ಯಪ್ರದೇಶದ ಮಂದಸೌರ್ ಶಾಸನದಲ್ಲಿದೆ. ಲಾಟ ದೇಶದಿಂದ, ಅಂದರೆ ದಕ್ಷಿಣ ಗುಜರಾತಿನಿಂದ, ದಶಪುರಕ್ಕೆ ವಲಸೆ ಬಂದ ಪಟ್ಟೆ ನೇಕಾರರ ಶ್ರೇಣಿಯೊಂದು ಕ್ರಿ.ಶ. 436ರಲ್ಲಿ ಸೂರ್ಯದೇವಾಲಯ ಕಟ್ಟಿಸಿತು. ಶಿಥಿಲವಾದ ಅದನ್ನು 473ರಲ್ಲಿ ಅದೇ ಶ್ರೇಣಿ ಜೀರ್ಣೋದ್ಧಾರ ಮಾಡಿತು. ಶಾಸನಕವಿ ವತ್ಸಭಟ್ಟಿ ಅವರ ನೇಯ್ಗೆಯನ್ನು ಹೊಗಳುತ್ತ, ಎಷ್ಟೇ ಸಿಂಗರಿಸಿಕೊಂಡರೂ ಪಟ್ಟೆಯ ಜೋಡಿ ಉಡದೆ ಹೆಣ್ಣು ನಲ್ಲನ ಬಳಿಗೆ ಹೋಗಳು ಎಂಬರ್ಥದ ಮಾತು ಹೇಳುತ್ತಾನೆ. ಆದರೆ ಅದೇ ಶಾಸನದಲ್ಲಿ ಮತ್ತೊಂದು ವಿವರವಿದೆ. ಹೊಸ ಊರಿಗೆ ಬಂದ ಮೇಲೆ ಶ್ರೇಣಿಯ ಕೆಲವರು ಬಿಲ್ವಿದ್ಯೆಗೆ, ಕೆಲವರು ಕಥೆ ಹೇಳುವುದಕ್ಕೆ, ಕೆಲವರು ಜ್ಯೋತಿಷ್ಯಕ್ಕೆ ಹೊರಳಿದರು. ಮಗ್ಗದಲ್ಲಿ ಉಳಿದವರು ಉಳಿದರು. ನೇಕಾರ ಮಗ್ಗ ಬಿಡುವುದು ಇಂದಿನ ಸಂಗತಿ ಎಂದುಕೊಂಡಿದ್ದೇವೆ. ಅದಕ್ಕೆ ಹದಿನೈದು ಶತಮಾನಗಳ ಇತಿಹಾಸವಿದೆ.

ನಮ್ಮ ಜಿಲ್ಲೆಯ ಮಟ್ಟಿಗೆ ಈ ಮಾತು ಇನ್ನಷ್ಟು ನಿಜ. ಬೆಳಗಾವಿಯ ಶಹಾಪುರ, ವಡಗಾವಿಯ ಓಣಿಗಳಲ್ಲಿ ಈಗ ಕೇಳುವುದು ವಿದ್ಯುತ್ ಮಗ್ಗಗಳ ಸದ್ದು. ಇಳಕಲ್ಲಿನಲ್ಲಿ ಹತ್ತಿಯ ಒಡಲಿಗೆ ರೇಷ್ಮೆಯ ಸೆರಗನ್ನು ‘ಕೊಂಡಿ’ ಹಾಕಿ ಒಂದೊಂದೇ ಎಳೆಯಾಗಿ ಜೋಡಿಸುವ ಕೈಗಳು ಕಡಿಮೆಯಾಗುತ್ತಿವೆ. ಸವದತ್ತಿ ಯಲ್ಲಮ್ಮನಿಗೆ ಅರ್ಪಿಸುತ್ತಿದ್ದ ‘ಪಟ್ಟೇದ ಅಂಚು’ ಸೀರೆ ಮರೆತೇಹೋಗಿತ್ತು. ವಿನ್ಯಾಸಕಿ ಹೇಮಲತಾ ಜೈನ್ ಹಳೆಯ ಸೀರೆಯೊಂದನ್ನು ಹುಡುಕಿ, ಗಜೇಂದ್ರಗಡದ ನೇಕಾರರ ಕೈಯಲ್ಲಿ ಅದನ್ನು ಮತ್ತೆ ನೇಯಿಸಿದರು. ಚೌಕಡಿಯ ಒಡಲು, ದಪ್ಪ ಬಣ್ಣದ ಅಂಚಿನ ಈ ಸೀರೆ ಪೂರಾ ಹತ್ತಿಯದು. ಇಲ್ಲಿ ಪಟ್ಟೆ ಎಂದರೆ ರೇಷ್ಮೆಯಲ್ಲ, ಅಂಚಿನ ಪಟ್ಟಿ. ರೇಷ್ಮೆ ಕೊಳ್ಳಲಾಗದ ಹೆಣ್ಣುಮಕ್ಕಳ ಸೀರೆಗೂ ಆ ದೊಡ್ಡ ಪದ ಒಂದು ಅಂಚನ್ನಾದರೂ ಬಿಟ್ಟುಕೊಟ್ಟಿದೆ.

ಹಳೆಯ ಜರಿ ಸೀರೆಗಳನ್ನು ಬೆಳ್ಳಿಯ ಆಸೆಗೆ ಕೊಂಡು ಸುಡುವ ವ್ಯಾಪಾರಿಗಳು ಊರೂರು ತಿರುಗುವುದುಂಟು. ಸುಟ್ಟರೆ ಬೆಳ್ಳಿ ಸಿಗುತ್ತದೆ, ಬಟ್ಟೆ ಹೋಗುತ್ತದೆ. ಬಟ್ಟೆಯ ಜೊತೆಗೆ ಅದನ್ನು ಕರೆಯುವ ಮಾತೂ ಹೋಗುತ್ತದೆ. ಮಗುಟ ಕಾಣದ ಮನೆಯಲ್ಲಿ ಮಗುಟ ಎಂಬ ಪದ ಎಷ್ಟು ದಿನ ಬಾಳೀತು? ಆದ್ದರಿಂದ ಟ್ರಂಕು ತೆಗೆದಾಗ ಮನೆಯ ಹಿರಿಯರನ್ನು ಪಕ್ಕದಲ್ಲಿ ಕೂರಿಸಿಕೊಂಡು, ಯಾವುದಕ್ಕೆ ಏನೆನ್ನುತ್ತಾರೆ, ಯಾವಾಗ ಉಡುತ್ತಿದ್ದರು ಎಂದು ಕೇಳಿ ಬರೆದಿಡುವುದು ಒಳ್ಳೆಯದು. ಅದಕ್ಕೆ ಬೇಕಾದುದು ಒಂದು ನೋಟುಬುಕ್ಕು, ಒಂದು ಮಧ್ಯಾಹ್ನ.

ಮುಂದಿನ ಜ್ಯೇಷ್ಠದಲ್ಲಿ ಅಂಕಲಿಯ ಕುದುರೆಗಳು ಮತ್ತೆ ಹೊರಡುತ್ತವೆ. ಕನ್ನಡದ ನೆಲದಿಂದ ಹೊರಟು ಮರಾಠಿ ನಾಡಿನ ದಿಂಡಿ ಸೇರುವ ಆ ಸವಾರನ ಕೈಯ ಬಟ್ಟೆಗೆ ಎರಡೂ ಭಾಷೆಯಲ್ಲಿ ಒಂದೇ ಹೆಸರು. ಗಡಿಯ ಬಗ್ಗೆ ನಾವು ಎಷ್ಟೇ ವಾದ ಮಾಡಿದರೂ ಪಟಕಾ ಮಾತ್ರ ಎರಡೂ ಕಡೆಯ ತಲೆಗಳ ಮೇಲೆ ಕೂತಿದೆ.