ಕೊನೆಯ ಬಸ್ಸಿನ ನಂತರದ ಮೈದಾನ

2014ರ ಅರ್ಜುನ ಪ್ರಶಸ್ತಿ ಪಟ್ಟಿಯಲ್ಲಿ ತಂಡದ ಆಟಗಳಲ್ಲಿ ಹೆಸರು ಮಾಡಿದ, ಘಟ್ಟದ ಕೆಳಗಿನ ಮಳೆಸೀಮೆಯ ಇಬ್ಬರು ಹೆಣ್ಣುಮಕ್ಕಳ ಹೆಸರಿತ್ತು. ಒಬ್ಬರು ಕಾರ್ಕಳ ತಾಲೂಕು ಹೆರ್ಮುಂಡೆಯ ಮಮತಾ ಪೂಜಾರಿ. 2012ರಲ್ಲಿ ಪಟ್ನಾದಲ್ಲಿ ನಡೆದ ಮೊದಲ ಮಹಿಳಾ ಕಬಡ್ಡಿ ವಿಶ್ವಕಪ್ಪನ್ನು ಗೆದ್ದ ಭಾರತ ತಂಡಕ್ಕೆ ಅವರೇ ನಾಯಕಿ. ಇನ್ನೊಬ್ಬರು ಕೇರಳದ ಕೋಟ್ಟಯಂ ಕಡೆಯ ಗೀತು ಅನ್ನಾ ಜೋಸ್, ಭಾರತದ ಬಾಸ್ಕೆಟ್‌ಬಾಲ್ ತಂಡವನ್ನು ಮುನ್ನಡೆಸಿದವರು. ಎರಡೂ ಸೀಮೆಗಳಲ್ಲಿ ಸುರಿಯುವುದು ಅದೇ ಮುಂಗಾರು, ಕಾಲಡಿಯಲ್ಲಿರುವುದು ಅದೇ ಮುರಕಲ್ಲಿನ ನೆಲ, ಹೆಣ್ಣುಮಕ್ಕಳ ಓದಿನ ಬಗ್ಗೆ ಮನೆಮನೆಯಲ್ಲಿರುವುದು ಅದೇ ಆಸೆ. ಹೀಗಿದ್ದೂ ಅಲ್ಲಿ ಬಾಸ್ಕೆಟ್‌ಬಾಲ್ ಬೇರುಬಿಟ್ಟಿತು, ಇಲ್ಲಿ ಬಿಡಲಿಲ್ಲ. ಬಂಟ್ವಾಳ, ಬೆಳ್ತಂಗಡಿ, ಮೂಡುಬಿದಿರೆಯ ಕಾಲೇಜುಗಳ ಹುಡುಗಿಯರು ಹೆಸರು ಮಾಡಿದ್ದು ಕಬಡ್ಡಿ, ವಾಲಿಬಾಲ್, ಖೋಖೋ, ಬಾಲ್ ಬ್ಯಾಡ್ಮಿಂಟನ್ ಮತ್ತು ಓಟದಲ್ಲಿ. ಇದಕ್ಕೆ ಕಾರಣ ಹುಡುಕುತ್ತ ಹೋದರೆ ನಾವು ತಲುಪುವುದು ಆಟದ ಗುಣದ ಹತ್ತಿರವಲ್ಲ, ಆಟ ಕಲಿಸುವವರ ಬದುಕಿನ ಹತ್ತಿರ. ಈ ಸೀಮೆಯಲ್ಲಿ ಕಾಲೇಜು ಹುಡುಗಿಯರ ತಂಡ ಕಟ್ಟುವುದು ಒಂದು ವೃತ್ತಿಯಾಗಿ ನಿಂತದ್ದು ಹಾಸ್ಟೆಲ್ ಬಂದ ಮೇಲೆ. ಅದು ಯಾವ ಆಟದಲ್ಲಿ ನಿಂತಿತು ಎಂಬುದನ್ನು ತೀರ್ಮಾನಿಸಿದ್ದು ಆಟದ ಕೊನೆಯಲ್ಲಿ ಕಾದಿದ್ದ ನೌಕರಿ. ಇದು ನನ್ನ ವಾದ.

ಬಾಸ್ಕೆಟ್‌ಬಾಲಿನ ಮೂಲದಲ್ಲೇ ಈ ವಾದಕ್ಕೊಂದು ಹೋಲಿಕೆ ಸಿಗುತ್ತದೆ. 1891ರ ಚಳಿಗಾಲದಲ್ಲಿ ಅಮೆರಿಕದ ಸ್ಪ್ರಿಂಗ್‌ಫೀಲ್ಡ್‌ನಲ್ಲಿ ಜೇಮ್ಸ್ ನೇಸ್ಮಿತ್ ಈ ಆಟವನ್ನು ರೂಪಿಸಿದ. ಮರುವರ್ಷವೇ ಹತ್ತಿರದ ಸ್ಮಿತ್ ಕಾಲೇಜಿನ ವ್ಯಾಯಾಮ ಶಿಕ್ಷಕಿ ಸೆಂಡಾ ಬೆರೆನ್ಸನ್ ಅದನ್ನು ತನ್ನ ವಿದ್ಯಾರ್ಥಿನಿಯರಿಗೆ ಕಲಿಸತೊಡಗಿದಳು. ಅಂಕಣವನ್ನು ಮೂರು ಪಾಲು ಮಾಡಿ, ಆಟಗಾರ್ತಿ ತನ್ನ ಪಾಲು ದಾಟಬಾರದು, ಎದುರಾಳಿಯ ಕೈಯಿಂದ ಚೆಂಡು ಕಸಿಯಬಾರದು ಎಂದು ನಿಯಮ ಮಾಡಿದಳು. ಹುಡುಗಿಯರು ಓಡಿ ದಣಿಯುವುದು ತರವಲ್ಲ ಎಂಬ ಅಂದಿನ ಕಾಲದ ಅಂಜಿಕೆ ಆ ಮೂರು ಪಾಲುಗಳಲ್ಲಿ ಕಾಣುತ್ತದೆ. ಆದರೂ ಅವಳಿಗೆ ಒಂದು ಅನುಕೂಲವಿತ್ತು: ಹುಡುಗಿಯರು ವಾಸವಿದ್ದದ್ದು ಕಾಲೇಜಿನಲ್ಲೇ, ಆಟ ನಡೆದದ್ದು ಸೂರಿನಡಿಯ ವ್ಯಾಯಾಮಶಾಲೆಯಲ್ಲಿ. ಎಂಬತ್ತು ವರ್ಷಗಳ ನಂತರ, 1974ರಲ್ಲಿ, ಟೆನೆಸಿ ವಿಶ್ವವಿದ್ಯಾಲಯದ ಮಹಿಳಾ ತಂಡದ ಹೊಣೆ 22 ವರ್ಷದ ಪ್ಯಾಟ್ ಸಮಿಟ್ ಹೆಗಲಿಗೆ ಬಂತು. ತಿಂಗಳಿಗೆ 250 ಡಾಲರ್ ಸಂಬಳ. ತಂಡದ ಬಟ್ಟೆ ಒಗೆದದ್ದೂ ವ್ಯಾನ್ ಓಡಿಸಿದ್ದೂ ಅವರೇ. 2012ರಲ್ಲಿ ನಿವೃತ್ತರಾಗುವ ಹೊತ್ತಿಗೆ ಅವರ ಲೆಕ್ಕದಲ್ಲಿ 1098 ಗೆಲುವು, 8 ರಾಷ್ಟ್ರೀಯ ಪ್ರಶಸ್ತಿ. ಒಂದೇ ಆಟ, ಒಂದೇ ತಂಡ, 38 ವರ್ಷ. ಕೋಚ್‌ನ ವೃತ್ತಿಜೀವನ ಎಂದಾಗ ಜಗತ್ತು ಕಣ್ಣಮುಂದೆ ತಂದುಕೊಳ್ಳುವುದು ಇಂಥ ಬದುಕನ್ನೇ.

ದಕ್ಷಿಣ ಕನ್ನಡ ಜಿಲ್ಲೆಯ ನಮ್ಮ ಈ ಮೂರು ಊರುಗಳಲ್ಲಿ ಅಂಥ ಬದುಕಿಗೆ ಜಾಗವೇ ಇರಲಿಲ್ಲ. ಮೂಡುಬಿದಿರೆಯ ಶ್ರೀ ಮಹಾವೀರ ಕಾಲೇಜು 1965ರಲ್ಲಿ, ಬೆಳ್ತಂಗಡಿ ತಾಲೂಕಿನ ಉಜಿರೆಯ ಶ್ರೀ ಧರ್ಮಸ್ಥಳ ಮಂಜುನಾಥೇಶ್ವರ ಕಾಲೇಜು 1966ರಲ್ಲಿ, ಬಂಟ್ವಾಳದ ಶ್ರೀ ವೆಂಕಟರಮಣ ಸ್ವಾಮಿ ಕಾಲೇಜು 1968ರಲ್ಲಿ ಆರಂಭವಾದವು. ಆಗ ಇವೆಲ್ಲ ಮೈಸೂರು ವಿಶ್ವವಿದ್ಯಾಲಯದ ಅಧೀನ. ಮಂಗಳೂರು ವಿಶ್ವವಿದ್ಯಾಲಯ ಹುಟ್ಟಿದ್ದು 1980ರಲ್ಲಿ. ಮಂಗಳೂರು ನಗರದಲ್ಲಿ 1921ರಿಂದಲೇ ಸಂತ ಆಗ್ನೆಸ್ ಮಹಿಳಾ ಕಾಲೇಜಿತ್ತು. ಆದರೆ ಊರಿನ ಹುಡುಗಿಗೆ ಮನೆಯ ಅನ್ನ ಉಂಡು ಪದವಿ ಓದುವ ದಾರಿ ತೆರೆದದ್ದು ಅರವತ್ತರ ದಶಕದ ಈ ನಾಲ್ಕು ವರ್ಷಗಳಲ್ಲಿ. ಅವಳ ಜೊತೆಗೆ ಕಾಲೇಜಿಗೆ ಬಂದದ್ದು ಕೋಚ್ ಅಲ್ಲ, ‘ಪಿ.ಡಿ.’. ಹುದ್ದೆಯ ಪೂರ್ತಿ ಹೆಸರು ದೈಹಿಕ ಶಿಕ್ಷಣ ನಿರ್ದೇಶಕ. ಕಾಲೇಜಿಗೆ ಸಾಮಾನ್ಯವಾಗಿ ಒಂದೇ ಹುದ್ದೆ. ಅದೊಂದರಲ್ಲೇ ಹುಡುಗರ ತಂಡ, ಹುಡುಗಿಯರ ತಂಡ, ಕ್ರಿಕೆಟ್‌ನಿಂದ ಚೆಸ್‌ವರೆಗಿನ ಪಂದ್ಯಗಳು, ವಾರ್ಷಿಕ ಕ್ರೀಡಾಕೂಟ, ಸುಣ್ಣದ ಗೆರೆ, ಟಿ.ಎ.-ಡಿ.ಎ. ಬಿಲ್ಲು, ಜೊತೆಗೆ ಶಿಸ್ತುಪಾಲನೆ. ಒಂದು ಆಟವನ್ನು ಆಳವಾಗಿ ಕಲಿಸಲು ತರಬೇತಾದ ಕೋಚ್‌ನ ದಾರಿಯೇ ಬೇರೆ. 1961ರಲ್ಲಿ ಶುರುವಾದ ಪಟಿಯಾಲದ ರಾಷ್ಟ್ರೀಯ ಕ್ರೀಡಾ ಸಂಸ್ಥೆಯ ಡಿಪ್ಲೊಮಾ ಹಿಡಿದು ಬಂದವರು ಹೆಚ್ಚಾಗಿ ಸರ್ಕಾರದ ಕ್ರೀಡಾ ಇಲಾಖೆಗೋ ಕ್ರೀಡಾ ಪ್ರಾಧಿಕಾರಕ್ಕೋ ಸೇರಿದರು. ಕಾಲೇಜಿಗೆ ಬಂದವರು ಎಂ.ಪಿ.ಎಡ್. ಮುಗಿಸಿದವರು. ಕಾಲೇಜಿಗೆ ಬೇಕಾದದ್ದು ಕೋಚ್ ಅಲ್ಲ ಎಂಬ ಮನೋಭಾವವನ್ನು ವಿಶ್ವವಿದ್ಯಾಲಯ ಅನುದಾನ ಆಯೋಗದ (ಯು.ಜಿ.ಸಿ.) ನೇಮಕಾತಿ ನಿಯಮವೇ ತೋರಿಸುತ್ತದೆ. 2010ರ ಮತ್ತು 2018ರ ನಿಯಮಗಳ ಪ್ರಕಾರ 30 ವರ್ಷದೊಳಗಿನ ಪುರುಷ ಅಭ್ಯರ್ಥಿ 12 ನಿಮಿಷದಲ್ಲಿ 1800 ಮೀಟರ್, ಮಹಿಳಾ ಅಭ್ಯರ್ಥಿ 8 ನಿಮಿಷದಲ್ಲಿ 1000 ಮೀಟರ್ ಓಡಬೇಕು ಅಥವಾ ನಡೆಯಬೇಕು. ಅಭ್ಯರ್ಥಿಯ ಕಾಲಿನ ಕಸುವಿಗೆ ಅಳತೆ ಉಂಟು. ಹದಿನೆಂಟರ ಹುಡುಗಿಯೊಬ್ಬಳನ್ನು ಮೂರು ವರ್ಷ ಆಟದಲ್ಲಿ ಉಳಿಸಿಕೊಳ್ಳುವ ಕಸುವಿಗೆ ಇಲ್ಲ.

ಮೂರು ವರ್ಷ ಉಳಿಸಿಕೊಳ್ಳುವುದೇ ಇಲ್ಲಿ ದೊಡ್ಡ ಕೆಲಸವಾಗಿತ್ತು. ತರಗತಿ ಮುಗಿಯುವುದು ನಾಲ್ಕಕ್ಕೆ. ಚಾರ್ಮಾಡಿ ಘಟ್ಟದ ಬುಡದಿಂದಲೋ ನೇತ್ರಾವತಿಯ ಆಚೆ ದಡದಿಂದಲೋ ಬರುವ ಹುಡುಗಿಗೆ ಊರಿನ ಕಡೆಯ ಬಸ್ಸು ತಪ್ಪಿದರೆ ಮನೆ ಸೇರುವ ದಾರಿಯಿಲ್ಲ. ಬಸ್ಸಿಳಿದ ಮೇಲೂ ತೋಟದ ನಡುವೆ ಒಂದೆರಡು ಮೈಲಿ ನಡಿಗೆ. ಇನ್ನೊಂದು ಲೆಕ್ಕವೂ ಇತ್ತು. ಈ ತಾಲೂಕುಗಳ ಅಸಂಖ್ಯ ಮನೆಗಳಲ್ಲಿ ಬೀಡಿ ಕಟ್ಟುವುದು ಹೆಂಗಸರ ದುಡಿಮೆ, ಓದುವ ಹುಡುಗಿಯ ಫೀಸೂ ಅದರಲ್ಲೇ ಹುಟ್ಟಬೇಕು. ಸಂಜೆ ಎರಡು ಗಂಟೆ ಮೈದಾನದಲ್ಲಿ ಕಳೆದರೆ ಆ ಹೊತ್ತಿನ ಬೀಡಿ ಕಡಿಮೆಯಾಗುತ್ತದೆ. ಮನೆಯವರ ವಿರೋಧ ಎಂದು ನಾವು ಒಂದೇ ಮಾತಿನಲ್ಲಿ ಹೇಳಿಬಿಡುವುದರ ಹಿಂದೆ ಎಷ್ಟೋ ಸಲ ಈ ಸರಳ ಗಣಿತವಿರುತ್ತದೆ. ಆದ್ದರಿಂದ ಹುಡುಗಿಯರಿಗೆ ಒದಗಿದ್ದು ಅರ್ಧ ಗಂಟೆಯಲ್ಲಿ ತಂಡ ಮಾಡಿ ಆಡಿ ಮುಗಿಸಬಹುದಾದ ಆಟಗಳು, ಶಾಲೆಯಲ್ಲೇ ರೂಢಿಯಾದ ಆಟಗಳು. ಕೊಯ್ಲು ಮುಗಿದ ಗದ್ದೆಯಲ್ಲಿ ಕಬಡ್ಡಿ ಆಡಿ ಬಂದ ಹುಡುಗಿಗೆ ರೇಡಿಂಗ್ ಅರ್ಧ ಬಂದೇ ಇರುತ್ತದೆ. ಬಾಸ್ಕೆಟ್‌ಬಾಲಿನ ಡ್ರಿಬ್ಲಿಂಗ್ ಹಾಗಲ್ಲ; ಚೆಂಡು ನೋಡದೆ ಚೆಂಡು ಆಡಿಸುವುದನ್ನು ಕೈಗೆ ಕಲಿಸಲು ತಿಂಗಳುಗಟ್ಟಲೆ ಸಂಜೆಗಳು ಬೇಕು. ಆ ಸಂಜೆಗಳು ಪಿ.ಡಿ.ಯ ಕೈಯಲ್ಲಿರಲಿಲ್ಲ, ಬಸ್ಸಿನ ವೇಳಾಪಟ್ಟಿಯ ಕೈಯಲ್ಲಿದ್ದವು.

ಇದನ್ನು ಬದಲಿಸಿದ್ದು ಹಾಸ್ಟೆಲ್. ಧರ್ಮಸ್ಥಳದ ಆಶ್ರಯದ ಉಜಿರೆಯಲ್ಲಿ ವಸತಿಯ ಜೊತೆಗೆ ಕ್ರೀಡಾಂಗಣವೂ ಬೆಳೆಯಿತು. ಉಜಿರೆ ಎಂದರೆ ವಾಲಿಬಾಲ್ ಎಂಬ ಮಾತು ಜಿಲ್ಲೆಯಲ್ಲಿ ನೆಲೆಯೂರಿತು. ಮೂಡುಬಿದಿರೆಯಲ್ಲಿ ಡಾ. ಎಂ. ಮೋಹನ ಆಳ್ವರು 1995ರಲ್ಲಿ ಆಳ್ವಾಸ್ ಶಿಕ್ಷಣ ಪ್ರತಿಷ್ಠಾನ ಸ್ಥಾಪಿಸಿದರು. ಅಲ್ಲಿನ ಕ್ರೀಡಾ ದತ್ತು ಯೋಜನೆಯಲ್ಲಿ ಆಯ್ಕೆಯಾದವರಿಗೆ ಓದು, ಊಟ, ವಸತಿ, ತರಬೇತಿ ಎಲ್ಲವೂ ಉಚಿತ. ಇದರ ಪರಿಣಾಮವನ್ನು ಟ್ರೋಫಿಗಳಲ್ಲಷ್ಟೇ ನೋಡಿದರೆ ಸಾಲದು. ಹುಡುಗಿಗೆ ದಿನದ ಎರಡು ತುದಿಗಳೂ, ಅಂದರೆ ಬೆಳಗಿನ ಐದೂವರೆ ಮತ್ತು ಸಂಜೆಯ ಆರೂವರೆ, ಮೊದಲ ಬಾರಿಗೆ ಸಿಕ್ಕವು. ಅವಳಿಗೆ ಅವು ಸಿಕ್ಕ ಮೇಲಷ್ಟೇ ಒಂದೊಂದು ಆಟಕ್ಕೆ ಒಬ್ಬೊಬ್ಬ ತರಬೇತುದಾರರನ್ನು ನೇಮಿಸುವುದಕ್ಕೆ ಅರ್ಥ ಬಂತು. ಎಲ್ಲ ಆಟಕ್ಕೂ ಒಬ್ಬರೇ ಎಂಬ ಪಿ.ಡಿ. ಹುದ್ದೆಯ ಪಕ್ಕದಲ್ಲಿ ಕಬಡ್ಡಿ ಕೋಚ್, ಖೋಖೋ ಕೋಚ್, ಅಥ್ಲೆಟಿಕ್ಸ್ ಕೋಚ್ ಎಂಬ ಹೊಸ ಕಸುಬು ಹುಟ್ಟಿತು. 2020ರ ಜನವರಿಯಲ್ಲಿ ಅಖಿಲ ಭಾರತ ಅಂತರ ವಿಶ್ವವಿದ್ಯಾಲಯ ಅಥ್ಲೆಟಿಕ್ಸ್ ಕೂಟ ಮೂಡುಬಿದಿರೆಯ ಸ್ವರಾಜ್ಯ ಮೈದಾನದಲ್ಲೇ ನಡೆದು ಮಂಗಳೂರು ವಿಶ್ವವಿದ್ಯಾಲಯ ಸಮಗ್ರ ಪ್ರಶಸ್ತಿ ಪಡೆದದ್ದು ಈ ಬದಲಾವಣೆಯ ಫಲ.

ಇಷ್ಟೆಲ್ಲ ಯಾಕೆ, ಇಲ್ಲಿ ಬಾಸ್ಕೆಟ್‌ಬಾಲ್ ಬೇರುಬಿಡದಿರಲು ಕಾರಣ ಮಳೆಯೇ ಎನ್ನುವವರಿದ್ದಾರೆ. ಜಿಲ್ಲೆಯಲ್ಲಿ ವರ್ಷಕ್ಕೆ ಸುಮಾರು 4000 ಮಿಲಿಮೀಟರ್ ಮಳೆ. ಅದರ ಬಹುಪಾಲು ಬೀಳುವುದು ಕಾಲೇಜು ತೆರೆಯುವ ಜೂನ್‌ನಿಂದ ಸೆಪ್ಟೆಂಬರ್‌ವರೆಗೆ, ತಂಡ ಕಟ್ಟಬೇಕಾದ ತಿಂಗಳುಗಳಲ್ಲೇ. ಕಾಂಕ್ರೀಟ್ ಅಂಕಣ ಪಾಚಿ ಕಟ್ಟಿ ಜಾರುತ್ತದೆ, ಕಬ್ಬಿಣದ ರಿಂಗು ತುಕ್ಕು ಹಿಡಿಯುತ್ತದೆ, ಒಳಾಂಗಣ ಕಟ್ಟಲು ಹಣವಿಲ್ಲ. ಈ ಮಾತಿನಲ್ಲಿ ಸತ್ಯವಿದೆ. ಆದರೆ ಕೋಟ್ಟಯಂ ಜಿಲ್ಲೆ ಒಣ ಸೀಮೆಯೇನಲ್ಲ. ಗೀತು ಓದಿದ ಚಂಗನಾಶೇರಿಯ ಅಸಂಪ್ಷನ್ ಕಾಲೇಜು 1949ರಲ್ಲಿ ಆರಂಭವಾದ ಮಹಿಳಾ ಕಾಲೇಜು. ಅಲ್ಲಿ ಬಾಸ್ಕೆಟ್‌ಬಾಲ್ ಬೆಳೆದದ್ದು ಹುಡುಗಿಯರದೇ ಕಾಲೇಜು, ಕ್ರೀಡಾ ಹಾಸ್ಟೆಲ್, ಪದವಿ ಮುಗಿದೊಡನೆ ಕೈಹಿಡಿಯುವ ತಂಡ ಇವು ಮೂರೂ ಕೂಡಿದ್ದರಿಂದ. ಕೇರಳ ರಾಜ್ಯ ವಿದ್ಯುತ್ ಮಂಡಳಿ ಮಹಿಳಾ ಬಾಸ್ಕೆಟ್‌ಬಾಲ್ ತಂಡವನ್ನು ಸಾಕಿತು. ಗೀತುಗೆ ದಕ್ಷಿಣ ರೈಲ್ವೆ ಕೆಲಸ ಕೊಟ್ಟಿತು. ಆಡಿದರೆ ಕೆಲಸ ಸಿಗುತ್ತದೆ ಎಂದು ಅಲ್ಲಿನ ಕೋಚ್ ತಂದೆತಾಯಿಗೆ ಧೈರ್ಯವಾಗಿ ಹೇಳಬಹುದಿತ್ತು. ನಮ್ಮ ಕಡೆ ಕಬಡ್ಡಿಯ ಬಗ್ಗೆ ಆ ಮಾತು ಹೇಳಬಹುದಿತ್ತು, ಮಮತಾ ಪೂಜಾರಿ ಸಿಕಂದರಾಬಾದಿನ ದಕ್ಷಿಣ ಮಧ್ಯ ರೈಲ್ವೆ ಸೇರಿದ್ದು ಅದಕ್ಕೆ ಕಣ್ಣೆದುರಿನ ಸಾಕ್ಷಿ. ಬಾಸ್ಕೆಟ್‌ಬಾಲಿನ ಬಗ್ಗೆ ಹೇಳಲು ಕರಾವಳಿಯ ಪಿ.ಡಿ.ಯ ಬಳಿ ಅಂಥ ಉದಾಹರಣೆ ಇರಲಿಲ್ಲ. ಕರ್ನಾಟಕದಲ್ಲಿ ಆ ಆಟದ ದಾರಿ ಬೆಂಗಳೂರಿನ ಕ್ಲಬ್ಬುಗಳು ಮತ್ತು ಅಲ್ಲಿನ ವಿದ್ಯಾನಗರದ ಕ್ರೀಡಾ ಶಾಲೆಯ ಮೂಲಕ ಸಾಗಿತ್ತು. ಅಲ್ಲಿಗೆ ಹೋಗಬೇಕಾದರೆ ಹುಡುಗಿ ಕಾಲೇಜಿಗಿಂತ ಬಹಳ ಮೊದಲೇ ಘಟ್ಟ ಹತ್ತಬೇಕು.

ಮಳೆಯ ಮಾತಿಗಿಂತ ಗಟ್ಟಿಯಾದ ಆಕ್ಷೇಪ ಬೇರೊಂದಿದೆ. ಮಮತಾ ಹೊರಟದ್ದು ಹಳ್ಳಿಯ ಮೈದಾನದಿಂದ, ದತ್ತು ಯೋಜನೆಯ ಹಾಸ್ಟೆಲಿನಿಂದಲ್ಲ. ಇತ್ತ ಹಾಸ್ಟೆಲುಗಳಲ್ಲಿ ಹೊರ ಜಿಲ್ಲೆ, ಹೊರ ರಾಜ್ಯಗಳಿಂದ ಬಂದವರು ಬಹಳ ಮಂದಿ. ಹಾಗಾದರೆ ಊರಿನ ಹುಡುಗಿಗೆ ಹಾಸ್ಟೆಲಿನಿಂದ ಆದ ಲಾಭವೇನು? ಆಕ್ಷೇಪದ ಮೊದಲ ಭಾಗವನ್ನು ನಾನು ಪೂರ್ತಿ ಒಪ್ಪುತ್ತೇನೆ. ಪ್ರತಿಭೆ ಹಾಸ್ಟೆಲಿನಲ್ಲಿ ಹುಟ್ಟುವುದಿಲ್ಲ. ಆದರೆ ನಾನು ಮಾತಾಡುತ್ತಿರುವುದು ಕಲಿಸುವವರ ವೃತ್ತಿಯ ಬಗ್ಗೆ. ವರ್ಷವಿಡೀ ಜೊತೆಗಿರುವ ತಂಡವಿಲ್ಲದೆ ಕೋಚ್ ತನ್ನ ತಪ್ಪನ್ನು ಕಂಡು ತಿದ್ದಿಕೊಳ್ಳಲಾರ. ಎರಡನೆಯ ಭಾಗಕ್ಕೆ ಅರ್ಧ ಉತ್ತರವಷ್ಟೇ ಇದೆ. ಒಳ್ಳೆಯ ಆಟಗಾರ್ತಿಯ ಎದುರು ದಿನವೂ ಆಡುವ ಊರಿನ ಹುಡುಗಿಯ ಮಟ್ಟ ಏರುತ್ತದೆ, ಇದು ನಿಜ. ಆದರೆ ತಂಡದಲ್ಲಿ ಅವಳ ಜಾಗ ಕಿರಿದಾಗುತ್ತದೆ ಎಂಬುದೂ ನಿಜ. ಹಾಸ್ಟೆಲಿಲ್ಲದ ಸರ್ಕಾರಿ ಪದವಿ ಕಾಲೇಜಿನ ಪಿ.ಡಿ.ಗೆ ಇದು ಇನ್ನೂ ಕಠಿಣ. ತಾನು ಶೂನ್ಯದಿಂದ ಕಟ್ಟಿದ ತಂಡವನ್ನು ಅಂತರ ಕಾಲೇಜು ಪಂದ್ಯದ ಮೊದಲ ಸುತ್ತಿನಲ್ಲೇ ವೃತ್ತಿಪರರಂತೆ ಪಳಗಿದ ತಂಡದೆದುರು ನಿಲ್ಲಿಸಬೇಕು. ಆ ಪಿ.ಡಿ.ಯ ಶ್ರಮವನ್ನು ಗೆಲುವು ಸೋಲಿನ ಪಟ್ಟಿಯಿಂದ ಅಳೆಯುವುದು ಅನ್ಯಾಯ.

ಇನ್ನು ಹೆಂಗಸರ ತಂಡಕ್ಕೆ ಹೆಂಗಸರೇ ಕಲಿಸುವ ಪ್ರಶ್ನೆ. ಅಮೆರಿಕದಲ್ಲಿ 1972ರಲ್ಲಿ, ಕ್ರೀಡೆಯಲ್ಲೂ ಹೆಣ್ಣುಮಕ್ಕಳಿಗೆ ಸಮಾನ ಅವಕಾಶದ ದಾರಿ ತೆರೆದ ‘ಟೈಟಲ್ ನೈನ್’ ಕಾನೂನು ಬಂದಾಗ, ಕಾಲೇಜು ಮಹಿಳಾ ತಂಡಗಳ ಕೋಚ್‌ಗಳಲ್ಲಿ ಶೇ. 90ಕ್ಕೂ ಹೆಚ್ಚು ಮಂದಿ ಮಹಿಳೆಯರಿದ್ದರು. 2014ರ ಹೊತ್ತಿಗೆ ಅದು ಶೇ. 43ಕ್ಕೆ ಇಳಿದಿತ್ತು. ತಂಡಗಳಿಗೆ ಹಣ ಮತ್ತು ಗೌರವ ಬಂದೊಡನೆ ಆ ಹುದ್ದೆಗಳಿಗೆ ಗಂಡಸರು ಬಂದರು. ನಮ್ಮಲ್ಲಿ ಕತೆ ಆರಂಭವಾದದ್ದೇ ಇನ್ನೊಂದು ತುದಿಯಿಂದ. ಗಂಡು ಹೆಣ್ಣು ಕೂಡಿ ಓದುವ ಕಾಲೇಜಿನ ಒಂದೇ ಪಿ.ಡಿ. ಹುದ್ದೆ ಹೆಚ್ಚಾಗಿ ಗಂಡಸರಿಗೆ ಹೋಯಿತು. ಹುಡುಗಿಯರ ತಂಡ ಹೊರ ಊರಿಗೆ ಹೊರಟಾಗ ಕನ್ನಡವನ್ನೋ ವಾಣಿಜ್ಯವನ್ನೋ ಕಲಿಸುವ ಅಧ್ಯಾಪಕಿ ಮ್ಯಾನೇಜರ್ ಆಗಿ ಜೊತೆಯಾಗುವುದು ರೂಢಿ. ರೈಲಿನಲ್ಲಿ ರಾತ್ರಿ ಎಚ್ಚರವಿರುವುದು, ಮುಟ್ಟಿನ ದಿನಗಳ ನೋವನ್ನು ಕೇಳಿಸಿಕೊಳ್ಳುವುದು, ಮನೆಗೆ ಫೋನ್ ಮಾಡಿ ತಂದೆಯನ್ನು ಒಪ್ಪಿಸುವುದು ಇವೆಲ್ಲ ಅವರ ಪಾಲು. ಕೋಚಿಂಗ್‌ನ ಅರ್ಧ ಭಾಗ ಅದೇ ಅಲ್ಲವೇ? ಆದರೆ ಅದಕ್ಕೆ ಹುದ್ದೆಯಿಲ್ಲ, ಬಡ್ತಿಯಲ್ಲಿ ಅಂಕವಿಲ್ಲ, ಕಾಲೇಜಿನ ವಾರ್ಷಿಕ ಸಂಚಿಕೆಯ ಗುಂಪು ಚಿತ್ರದ ಅಂಚಿನಲ್ಲಿ ಒಂದು ಕುರ್ಚಿ ಸಿಕ್ಕರೆ ಹೆಚ್ಚು. ಟೆನೆಸಿಯಲ್ಲಿ ಅಂಕಣಕ್ಕೇ ಪ್ಯಾಟ್ ಸಮಿಟ್ ಹೆಸರಿಟ್ಟಿದ್ದಾರೆ. ನಮ್ಮ ಊರುಗಳಲ್ಲಿ ಕ್ರೀಡಾಂಗಣಕ್ಕೆ ಸಲ್ಲುವುದು ಸ್ಥಾಪಕರ, ದಾನಿಗಳ ಹೆಸರು. ಕಟ್ಟಿದವರಿಗೆ ಅದು ಸಲ್ಲಲೇಬೇಕು. ಅದರ ಜೊತೆಗೆ, ಈ ಮೂರು ಕಾಲೇಜುಗಳು ಅರವತ್ತು ವರ್ಷದ ಹೊಸ್ತಿಲಲ್ಲಿರುವ ಈ ಹೊತ್ತಿನಲ್ಲಿ, ತಮ್ಮ ಹಳೆಯ ವಾರ್ಷಿಕ ಸಂಚಿಕೆಗಳನ್ನು ತೆರೆದು ಆ ಅಂಚಿನ ಕುರ್ಚಿಗಳಲ್ಲಿ ಕೂತವರ ಹೆಸರುಗಳನ್ನು ಬರೆದಿಡುವ ಕೆಲಸ ಬಾಕಿ ಇದೆ. ಅರವತ್ತರ, ಎಪ್ಪತ್ತರ ದಶಕದ ತಂಡಗಳಲ್ಲಿ ಆಡಿದ ಹುಡುಗಿಯರು ಈಗ ಎಪ್ಪತ್ತರ ಆಸುಪಾಸಿನ ಅಜ್ಜಿಯರು. ಯಾವ ಕುರ್ಚಿಯಲ್ಲಿ ಯಾರಿದ್ದರೆಂದು ಗುರುತಿಸಬಲ್ಲವರು ಅವರೇ.