ವಜ್ರೇಶ್ವರಿಯ ಬಿಸಿನೀರೂ ನಮ್ಮವರೂ

ಮುಂಬಯಿಯಲ್ಲಿ ನೆಲೆಸಿರುವ ಕನ್ನಡ ಕುಟುಂಬಗಳಲ್ಲಿ ವಜ್ರೇಶ್ವರಿ-ಗಣೇಶಪುರಿಗಳ ಹೆಸರು ಕೇಳದವರು ವಿರಳ. ಊರಿನಿಂದ ನೆಂಟರು ಬಂದರೆ ಮಹಾಲಕ್ಷ್ಮಿ, ಸಿದ್ಧಿವಿನಾಯಕಗಳ ದರ್ಶನವಾದ ಮೇಲೆ ಒಂದು ದಿನ ಅಲ್ಲಿಗೆ ಕರೆದೊಯ್ಯುವುದು ನಮ್ಮಲ್ಲಿ ವಾಡಿಕೆಯೇ ಆಗಿದೆ. ಹೋಗಿ, ಕುಂಡದಲ್ಲಿ ಮಿಂದು, ಸಮಾಧಿಗೆ ಕೈಮುಗಿದು, ಸಂಜೆಯೊಳಗೆ ಹಿಂದಿರುಗುತ್ತೇವೆ. ಆ ನೀರು ಏಕೆ ಬಿಸಿಯಾಗಿದೆ, ಆ ಗುಡಿಯನ್ನು ಕಟ್ಟಿಸಿದವರು ಯಾರು, ನಮ್ಮ ಹಿರಿಯರು ಅಲ್ಲಿಗೆ ಹೋಗತೊಡಗಿದ್ದು ಏತಕ್ಕೆ ಎಂದು ವಿಚಾರಿಸಿದವರು ಕಡಿಮೆ. ಈ ಕೊರತೆಯನ್ನು ಕೊಂಚವಾದರೂ ನೀಗಬೇಕೆಂದು ಕಳೆದ ಜನವರಿಯ ಒಂದು ಭಾನುವಾರ ನಮ್ಮ ಸಂಘದವರು 43 ಮಂದಿ ಬಸ್ಸು ಮಾಡಿಕೊಂಡು ಹೊರಟೆವು. ದಾರಿ ತೋರಿಸಿ ವಿಷಯ ತಿಳಿಸಲು ಇತಿಹಾಸ ಕಲಿಸಿ ನಿವೃತ್ತರಾದ ನಮ್ಮವರೇ ಆದ ಒಬ್ಬ ಮಾಸ್ತರರು ಒಪ್ಪಿದ್ದರು. ಬಸ್ಸು ಹತ್ತಿದ ಮೊದಲ ಗಳಿಗೆಯಲ್ಲಿಯೇ ಅವರು ಒಂದು ಕಟ್ಟಳೆ ವಿಧಿಸಿದರು: ಅಂತ್ಯಾಕ್ಷರಿ ವಸೈ ದಾಟಿದ ಮೇಲೆ.

ಬೋರಿವಲಿ ಸಮೀಪಿಸಿದಾಗ ಬಲಗಡೆಯ ಗುಡ್ಡಗಳನ್ನು ತೋರಿಸಿ, "ಅದರೊಳಗೆ ನೃಪತುಂಗನಿದ್ದಾನೆ" ಎಂದರು ಮಾಸ್ತರರು. ಮಕ್ಕಳು ಕಿಟಕಿಗೆ ಮುಗಿಬಿದ್ದರು. ಅವರು ಹೇಳಿದ್ದು ಕನ್ಹೇರಿ ಗುಹೆಗಳ ಶಾಸನಗಳ ಮಾತು. ಒಂಬತ್ತನೆಯ ಶತಮಾನದಲ್ಲಿ ಉತ್ತರ ಕೊಂಕಣವನ್ನು ಆಳುತ್ತಿದ್ದ ಶಿಲಾಹಾರರು ಮಾನ್ಯಖೇಟದ ರಾಷ್ಟ್ರಕೂಟರಿಗೆ ಸಾಮಂತರು. ಬೌದ್ಧ ವಿಹಾರಕ್ಕೆ ಸಂಬಂಧಿಸಿದ ಆ ಶಾಸನಗಳಲ್ಲಿ ತಮ್ಮ ಒಡೆಯನಾದ ಅಮೋಘವರ್ಷನ ಹೆಸರನ್ನು ಅವರು ಕೆತ್ತಿಸಿದ್ದಾರೆ. ಅವುಗಳಲ್ಲೊಂದು ಶಕ 799ರದು, ಎಂದರೆ ಕ್ರಿ.ಶ. 877ರ ಸುಮಾರಿನದು. ಕವಿರಾಜಮಾರ್ಗವು ಹುಟ್ಟಿದ ಆಸ್ಥಾನದ ಅರಸನೇ ಈತ. ಇದನ್ನು ಹಿಡಿದುಕೊಂಡು ಮುಂಬಯಿ ನಮ್ಮದೆಂದು ಹೊಡೆದಾಡುವುದು ಬೇಡ. ಅಂಥ ಜಗಳಗಳನ್ನು 1956ರಲ್ಲಿಯೂ 1960ರಲ್ಲಿಯೂ ಈ ನಗರ ಸಾಕಷ್ಟು ಕಂಡಿದೆ. ದಿನವೂ ಲೋಕಲ್ ಗಾಡಿಯಲ್ಲಿ ಹಾದುಹೋಗುವ ಗುಡ್ಡದಲ್ಲಿ ನಮಗೆ ಗುರುತಿನ ಒಂದು ಹೆಸರಿದೆಯೆಂದು ತಿಳಿದಿದ್ದರೆ ಸಾಕು.

ಘೋಡಬಂದರ ಕಳೆದು ಖಾಡಿಯ ಸೇತುವೆ ದಾಟಿದರೆ ಎಡಕ್ಕೆ ದೂರದಲ್ಲಿ ವಸೈ. 1534ರಲ್ಲಿ ಗುಜರಾತಿನ ಸುಲ್ತಾನ ಬಹಾದುರ ಶಹನಿಂದ ಪೋರ್ತುಗೀಜರು ಈ ಸ್ಥಳವನ್ನು ಪಡೆದು ಕೋಟೆ ಕಟ್ಟಿ ಇನ್ನೂರು ವರ್ಷಕ್ಕೂ ಮಿಕ್ಕಿ ಆಳಿದರು. ಮೊದಲನೆಯ ಬಾಜೀರಾಯ ಪೇಶ್ವೆಯ ತಮ್ಮನಾದ ಚಿಮಾಜಿ ಅಪ್ಪಾ ಬಹುಕಾಲದ ಹೋರಾಟದ ತರುವಾಯ 1739ರ ಮೇ ತಿಂಗಳಲ್ಲಿ ಅದನ್ನು ಗೆದ್ದನು. ಕೋಟೆ ಕೈಗೂಡದೆ ಚಿಂತಿಸುತ್ತ ವಡವಲಿಯ ಕಡೆ ಬೀಡುಬಿಟ್ಟಿದ್ದಾಗ ಅವನು ದೇವಿ ವಜ್ರೇಶ್ವರಿಗೆ ಹರಕೆ ಹೊತ್ತನೆಂದೂ, ದೇವಿಯು ಕನಸಿನಲ್ಲಿ ಬಂದು ಉಪಾಯ ಹೇಳಿದಳೆಂದೂ ಪ್ರತೀತಿ. ಕನಸಿನ ಸಂಗತಿ ಹೇಗೇ ಇರಲಿ, ಹರಕೆ ತೀರಿಸಿದ್ದು ನಿಜ. ವಸೈಯ ಹೊಸ ಸುಭೇದಾರ ಶಂಕರ ಕೇಶವ ಫಡಕೆಗೆ ಆಜ್ಞೆಯಾಗಿ ಈಗಿನ ಗುಡಿ ಎದ್ದಿತು. ಎತ್ತರದ ದಿಬ್ಬ, ಸುತ್ತಲೂ ಕಲ್ಲಿನ ಪ್ರಾಕಾರ, ಏರಲು 52 ಮೆಟ್ಟಿಲು. ದೂರದಿಂದ ನೋಡಿದರೆ ಗುಡಿಗಿಂತ ಸಣ್ಣದೊಂದು ಕೋಟೆಯೆಂದೇ ತೋರುತ್ತದೆ.

ಶಿರಸಾಡ ಫಾಟಾದಲ್ಲಿ ಬಲಕ್ಕೆ ತಿರುಗಿದೆವು. ಅಂತ್ಯಾಕ್ಷರಿ ಆರಂಭವಾಗಿ ಎರಡೇ ಹಾಡಾಗಿತ್ತು, ವಜ್ರೇಶ್ವರಿ ಬಂದೇಬಿಟ್ಟಿತು. ಗರ್ಭಗುಡಿಯಲ್ಲಿ ವಜ್ರೇಶ್ವರಿಯ ಜೊತೆಗೆ ರೇಣುಕೆಯೂ ಕಾಳಿಕೆಯೂ ಇದ್ದಾರೆ. ನಮ್ಮಲ್ಲಿದ್ದ ಧಾರವಾಡದ ಕಡೆಯ ಅಕ್ಕನವರೊಬ್ಬರು ರೇಣುಕೆಯೆಂಬ ಹೆಸರು ಕೇಳಿದ್ದೇ ತಡ, "ನಮ್ಮ ಸವದತ್ತಿ ಎಲ್ಲಮ್ಮ ಇಲ್ಲಿಗೂ ಬಂದಾಳ್ರೀ" ಎಂದು ಸೆರಗು ಹೊದ್ದು ಅಡ್ಡಬಿದ್ದರು. ಇನ್ನೊಂದು ನೆಂಟಸ್ತಿಕೆಯನ್ನು ಮಾಸ್ತರರು ನೆನಪಿಸಿದರು. ಈ ಬುಗ್ಗೆಗಳ ವಿವರ ಮುಂಬಯಿ ಇಲಾಖೆಯ ಗ್ಯಾಝೆಟಿಯರಿನ ಠಾಣೆ ಜಿಲ್ಲೆಯ ಸಂಪುಟದಲ್ಲಿ 1882ರಲ್ಲಿ ಅಚ್ಚಾಯಿತು. ಅದೇ ಮಾಲೆಯಲ್ಲಿ ಮರುವರ್ಷ ಕಾನಡಾ ಜಿಲ್ಲೆಯದೂ, 1884ರಲ್ಲಿ ಧಾರವಾಡದ್ದೂ ಹೊರಬಂದವು. 1956ರ ವರೆಗೆ ಅವೆಲ್ಲ ಒಂದೇ ಮುಂಬಯಿಯ ಆಡಳಿತದಲ್ಲಿದ್ದುವಷ್ಟೆ.

ಇನ್ನು ನೀರಿನ ವಿಚಾರ. ವಜ್ರೇಶ್ವರಿ, ಅಕಲೋಲಿ, ಗಣೇಶಪುರಿ, ಈ ಮೂರು ಊರುಗಳ ಸುತ್ತ ತಾನ್ಸಾ ನದಿಯ ದಂಡೆಯಲ್ಲಿಯೂ ಪಾತ್ರದಲ್ಲಿಯೂ ಇಪ್ಪತ್ತರಷ್ಟು ಬುಗ್ಗೆಗಳಿವೆ. ದೇವಿಯು ಕೊಂದ ರಾಕ್ಷಸನ ರಕ್ತವೇ ಈ ಬಿಸಿನೀರೆಂದು ಸ್ಥಳಪುರಾಣ. ಪಕ್ಕದಲ್ಲೆಲ್ಲೋ ಜ್ವಾಲಾಮುಖಿ ಇದೆಯೆಂದು ಓದಿದವರ ಪುರಾಣ. ಎರಡೂ ಅಲ್ಲ. ಇಲ್ಲಿಯ ಕರಿಕಲ್ಲು ಲಾವಾರಸ ಹೆಪ್ಪುಗಟ್ಟಿ ಆದದ್ದು ಸರಿಯೆ, ಆದರೆ ಅದು ಸುಮಾರು 6.6 ಕೋಟಿ ವರ್ಷಗಳ ಹಿಂದಿನ ಮಾತು. ಆ ಬೆಂಕಿ ಎಂದೋ ಆರಿದೆ. ಮಳೆಯ ನೀರು ಬಂಡೆಯ ಬಿರುಕುಗಳಲ್ಲಿ ಇಳಿಯುತ್ತ ಬಹಳ ಆಳಕ್ಕೆ ಹೋಗುತ್ತದೆ. ಭೂಮಿಯೊಳಗೆ ಪ್ರತಿ ಕಿಲೋಮೀಟರಿಗೆ ಸುಮಾರು 25ರಿಂದ 30 ಡಿಗ್ರಿ ಸೆಲ್ಸಿಯಸ್ ಉಷ್ಣ ಏರುವುದರಿಂದ ಅಲ್ಲಿ ಕಾದು, ಇನ್ನೊಂದು ಬಿರುಕಿನಲ್ಲಿ ಮೇಲಕ್ಕೆ ಚಿಮ್ಮುತ್ತದೆ. ದಾರಿಯಲ್ಲಿ ಕಲ್ಲಿನ ಲವಣಗಳನ್ನು ಕರಗಿಸಿಕೊಂಡು ಬರುವುದರಿಂದ ರುಚಿ ಉಪ್ಪುಪ್ಪು. ಕೆಲವು ಕುಂಡಗಳು ಹಿತವಾದ ಬಿಸಿ, ಕೆಲವು 50 ಡಿಗ್ರಿಯ ಆಸುಪಾಸಿನಲ್ಲಿದ್ದು ಕಾಲಿಡಲಾಗದಷ್ಟು ಬಿಸಿ.

ಇಂಥ ಬುಗ್ಗೆಗಳು ಪಾಲಘರದ ಕಡೆಯಿಂದ ರತ್ನಾಗಿರಿಯ ರಾಜಾಪುರದ ವರೆಗೆ ಕೊಂಕಣದುದ್ದಕ್ಕೂ ಒಂದು ಸಾಲಾಗಿ ಹಬ್ಬಿವೆ. ಊರಿನ ಹೆಸರುಗಳೇ ಅದನ್ನು ಸಾರುತ್ತವೆ: ಪಾಲಿಯ ಹತ್ತಿರ ಉನ್ಹೇರೆ, ದಾಪೋಲಿಯ ಕಡೆ ಉನ್ಹವರೆ, ರಾಜಾಪುರದ ಬಳಿ ಉನ್ಹಾಳೆ. ಮರಾಠಿಯ 'ಊನ್ಹ' ಎಂದರೆ ಬಿಸಿ, ಸಂಸ್ಕೃತದ ಉಷ್ಣವೇ ಸವೆದು ಆದದ್ದು. ನಮ್ಮ ಪುತ್ತೂರು ತಾಲೂಕಿನ ಇರ್ದೆಯಲ್ಲಿಯೂ ಬೆಂದ್ರ್ ತೀರ್ಥವಿಲ್ಲವೆ? ತುಳುವಿನಲ್ಲಿ ಬೆಂದ್ರ್ ಎಂದರೆ ಬಿಸಿನೀರು. ಇಷ್ಟು ಕೇಳಿದ ಒಬ್ಬ ಹುಡುಗ, ಹಾಗಾದರೆ ಮುಂಬಯಿಯ ನಲ್ಲಿಯಲ್ಲಿ ಬಿಸಿನೀರು ಏಕೆ ಬರುವುದಿಲ್ಲ ಎಂದು ಕೇಳಿದ. ಪ್ರಶ್ನೆ ತಮಾಷೆಯದಾದರೂ ಬುಡವಿಲ್ಲದ್ದಲ್ಲ. ಇದೇ ತಾನ್ಸಾಕ್ಕೆ ಮೇಲೆ ಶಹಾಪುರದ ಕಡೆ ಅಣೆಕಟ್ಟು ಕಟ್ಟಿ 1892ರಿಂದ ಮುಂಬಯಿಗೆ ನೀರು ತರಲಾಗಿದೆ. ನಾವು ಕುಡಿಯುವುದೂ ಈ ನದಿಯನ್ನೇ, ಮೀಯಲು ಬರುವುದೂ ಈ ನದಿಯ ದಡಕ್ಕೇ.

ಅಕಲೋಲಿಯ ಕುಂಡಗಳ ಬಳಿ ಇಳಿದಾಗ ಗಂಟೆ ಹತ್ತಾಗಿತ್ತು. ಕಲ್ಲು ಕಟ್ಟಿದ ಚೌಕದ ತೊಟ್ಟಿಗಳು, ಮೇಲೆ ತೆಳ್ಳಗೆ ಹಬೆ. ಒಂದರಲ್ಲಿ ಸಾಬೂನಿನ ನೊರೆಯೂ ಶ್ಯಾಂಪೂವಿನ ಹರಿದ ಪುಡಿಕೆಗಳೂ ತೇಲುತ್ತಿದ್ದುವು. ಬಂದವರು ಹೀಗೆ ಮಾಡಿ ಹೋಗುತ್ತಾರೆ. ಬಂದವರಲ್ಲಿ ನಾವೂ ಸೇರಿದ್ದೇವೆಂಬುದನ್ನು ಬೇರೆ ಹೇಳಬೇಕಾಗಿಲ್ಲ. ನಮ್ಮ ತರುಣರು ಕೋಲಿನಿಂದ ಅವನ್ನೆಲ್ಲ ಎಳೆದು ಚೀಲಕ್ಕೆ ತುಂಬಿದರು. ಮಾಸ್ತರರು ಚಿಮಾಜಿ ಅಪ್ಪಾನ ಕಥೆಯ ಉಳಿದ ಭಾಗವನ್ನು ತೆಗೆದಿದ್ದರು, ಅಷ್ಟರಲ್ಲಿ ನಮ್ಮ ತಂಡದ ಅತ್ಯಂತ ಹಿರಿಯರು, ಕುಂದಾಪುರದ ಕಡೆಯ ಎಂಬತ್ತರ ಅಜ್ಜನವರು, ನಡುವೆ ಬಾಯಿ ಹಾಕಿದರು:

"ಹ್ವಾಯ್ ಮಾಸ್ತರ್ರೆ, ನಾವ್ ಅಂದ್ ಬಪ್ದ್ ದೇವ್ರ್ ಕಾಂಬುಕಲ್ಲ, ನೀರಿಗ್."

ಅವರು 1957ರಲ್ಲಿ, ಹನ್ನೊಂದನೆಯ ವಯಸ್ಸಿನಲ್ಲಿ, ಊರಿನವರೊಬ್ಬರ ಹಿಂದೆ ಮುಂಬಯಿಗೆ ಬಂದವರು. ಕೋಟೆ ಭಾಗದ ಒಂದು ಹೋಟೆಲಿನಲ್ಲಿ ಗ್ಲಾಸು ತೊಳೆಯುವ ಕೆಲಸ. ಬೆಳಗಿನ ನಾಲ್ಕರಿಂದ ಬೂದಿ, ಸೋಡಾಪುಡಿ, ನೀರು. ಆರು ತಿಂಗಳಲ್ಲಿ ಕೈಬೆರಳ ಸಂದುಗಳೆಲ್ಲ ಒಡೆದು ಹುಣ್ಣಾದವು, ಸದಾ ಒದ್ದೆ ನೆಲದಲ್ಲಿ ನಿಂತು ಕಾಲಿನ ಸಂದುಗಳೂ ಹಾಗೆಯೆ. ಅನ್ನ ಕಲಸಿದರೆ ಉರಿ. ಹುಡುಗ ಚಮಚದಿಂದ ಉಣ್ಣುತ್ತಿದ್ದುದನ್ನು ಕಂಡು, "ಎಂತ, ಸಾಹೇಬನಾದ್ಯಾ?" ಎಂದು ನಗುತ್ತಿದ್ದರಂತೆ. ಅವನನ್ನು ಅಕಲೋಲಿಗೆ ಮೊದಲ ಸಲ ಕರೆತಂದವರು ಅದೇ ಹೋಟೆಲಿನ ದೋಸೆ ಭಟ್ಟರು. ರಾತ್ರಿ ಪಾಳಿ ಮುಗಿಸಿ, ಚರ್ಚ್‌ಗೇಟಿನಿಂದ ಮೊದಲ ಗಾಡಿ ಹಿಡಿದು, ವಸೈರೋಡಿನಲ್ಲಿ ಇಳಿದು, ಎಸ್.ಟಿ. ಬಸ್ಸಿಗೆ ಕಾದು ಬರುವುದು. ಬಿಸಿ ಉಪ್ಪುನೀರಿನಲ್ಲಿ ಕೈಕಾಲು ಅದ್ದಿ ಕೂರುವುದು. ಮೊದಲು ಜೀವ ಹೋಗುವಂಥ ಉರಿ, ಆಮೇಲೆ ಹಾಯೆನಿಸುವುದು. ನೆನಪಿಟ್ಟುಕೊಂಡು ಸಂಜೆ ಏಳಕ್ಕೆ ರಾತ್ರಿಶಾಲೆಗೆ ಮರಳುವುದು. ಹುಣ್ಣು ಅದರಿಂದ ವಾಸಿಯಾಯಿತೆ ಎಂದು ಕೇಳಿದೆವು. ವಾಸಿಯೇನೂ ಆಗಲಿಲ್ಲ, ಮರುದಿನ ಮತ್ತೆ ಸೋಡಾಪುಡಿಯಲ್ಲವೆ ಎಂದರು. ಒಂದು ದಿನ ಕೈಯಿಂದ ಅನ್ನ ಉಣ್ಣಬಹುದಾಗಿತ್ತು, ಅಷ್ಟೆ.

ಉಡುಪಿ ಹೋಟೆಲುಗಳ ಚರಿತ್ರೆಯನ್ನು ನಾವು ಹೆಮ್ಮೆಯಿಂದ ಹೇಳಿಕೊಳ್ಳುತ್ತೇವೆ. ಮಾಟುಂಗದಲ್ಲಿ ಎ. ರಾಮ ನಾಯಕರು 1942ರಲ್ಲಿ ಶ್ರೀಕೃಷ್ಣ ಬೋರ್ಡಿಂಗ್ ತೆರೆದದ್ದು ನಮ್ಮ ಸ್ಮರಣ ಸಂಚಿಕೆಗಳಲ್ಲೆಲ್ಲ ಬಂದಿದೆ, ಬರತಕ್ಕದ್ದೇ. ಗ್ಲಾಸು ತೊಳೆದ ಹುಡುಗರ ಬೆರಳ ಸಂದುಗಳು ಯಾವ ಸಂಚಿಕೆಯಲ್ಲಿಯೂ ಬಂದದ್ದನ್ನು ನಾವು ಕಂಡಿಲ್ಲ.

ವೈದ್ಯರು ಬಿಸಿನೀರಿನ ಸ್ನಾನ ಕೂಡದೆಂದಿದ್ದರಿಂದ ಅಜ್ಜನವರು ಕುಂಡಕ್ಕೆ ಇಳಿಯಲಿಲ್ಲ. ಮೊಮ್ಮಗಳು ಭುಜ ಹಿಡಿದಳು, ಮೆಟ್ಟಿಲ ಮೇಲೆ ಕುಳಿತು ಎರಡೂ ಕೈಗಳನ್ನು ಮಣಿಕಟ್ಟಿನ ವರೆಗೆ ನೀರಿನಲ್ಲಿಟ್ಟುಕೊಂಡರು. "ಸಾಕು ಅಜ್ಜ, ಕೈ ಕೆಂಪಾಯ್ತು" ಎಂದು ಅವಳು ಎರಡು ಸಲ ಹೇಳಿದ ಮೇಲೂ ತೆಗೆಯಲಿಲ್ಲ.

ಮಧ್ಯಾಹ್ನದ ಊಟ ವಜ್ರೇಶ್ವರಿಯ ಒಂದು ಖಾನಾವಳಿಯಲ್ಲಿ. ಈ ಕಡೆಯ ಅಡುಗೆಯೇ ಬೇಕೆಂದು ಮೊದಲೇ ಹೇಳಿಟ್ಟಿದ್ದೆವು. ಕೈಯಲ್ಲಿ ತಟ್ಟಿದ ಅಕ್ಕಿಭಾಕರಿ, ಮೊಳಕೆ ಬರಿಸಿ ಸಿಪ್ಪೆ ತೆಗೆದ ವಾಲಿನ ಬಿರಡೆ, ಆಳೂವಡಿ, ಸೋಲಕಢಿ, ಪಕ್ಕದ ವಾಡಾ ತಾಲೂಕಿನ ಕೋಲಮ್ ಅಕ್ಕಿಯ ಅನ್ನ. ಸಣ್ಣ ಕಾಳಿನ, ಹಗುರವಾದ ಈ ಅಕ್ಕಿಗೆ 2021ರಲ್ಲಿ ಭೌಗೋಳಿಕ ಸೂಚ್ಯಂಕದ ಮಾನ್ಯತೆಯೂ ದೊರೆತಿದೆ. ಬಡಿಸುತ್ತ ಹೋದಂತೆ ನಮ್ಮ ಹೆಂಗಸರ ಪಂಕ್ತಿಯಲ್ಲಿ ದೊಡ್ಡ ಚರ್ಚೆಯೇ ಎದ್ದಿತು. ಆಳೂವಡಿ ನಮ್ಮ ಪತ್ರೊಡೆಯೇ ಎಂದು ಒಂದು ಪಕ್ಷ. ಅದೇ ಕೆಸುವಿನ ಎಲೆಯಾದರೇನು, ಇಲ್ಲಿ ಹಚ್ಚುವುದು ಕಡಲೆಹಿಟ್ಟು, ನಮ್ಮದು ಅಕ್ಕಿ ರುಬ್ಬಿದ ಹಿಟ್ಟು, ಆದುದರಿಂದ ಬೇರೆಯೆಂದು ಇನ್ನೊಂದು ಪಕ್ಷ. ವಾಲು ಅವರೆಯ ಬಳಗವೆಂಬುದರಲ್ಲಿ ಭಿನ್ನಾಭಿಪ್ರಾಯವಿರಲಿಲ್ಲ. ಸೋಲಕಢಿಯ ಕೋಕಮ್ ಮಂಗಳೂರಿನವರಿಗೆ ಪುನರ್ಪುಳಿ, ಶಿರಸಿಯವರಿಗೆ ಮುರುಗಲು. ಖಾನಾವಳಿಯ ಯಜಮಾನಿ ಚರ್ಚೆ ಅರ್ಥವಾಗದಿದ್ದರೂ ನಗುತ್ತ, "ಆಜೋಬಾ, ಅಜೂನ ಏಕ್ ಘ್ಯಾ" ಎಂದು ಅಜ್ಜನವರ ಎಲೆಗೆ ಇನ್ನೊಂದು ಭಾಕರಿ ಹಾಕಿದರು. ಅವರು ಸಾವಕಾಶವಾಗಿ ಕೈಯಿಂದಲೇ ಮುರಿದು ಉಂಡರು.

ಗಣೇಶಪುರಿಗೆ ಅಲ್ಲಿಂದ ಹತ್ತು ನಿಮಿಷದ ದಾರಿ. ನಿತ್ಯಾನಂದ ಸ್ವಾಮಿಗಳು 1930ರ ದಶಕದ ನಡುವೆ ಈ ಕಾಡಿಗೆ ಬಂದು ಭೀಮೇಶ್ವರನ ಹಳೆಯ ಗುಡಿಯ ಹತ್ತಿರ ನೆಲೆಸಿದರು. ಅದಕ್ಕೆ ಮುಂಚಿನ ಅವರ ಜೀವನ ಬಹುಮಟ್ಟಿಗೆ ನಮ್ಮ ಕರಾವಳಿಯದು. 1920ರ ದಶಕದಲ್ಲಿ ಮಂಗಳೂರಿನಲ್ಲಿದ್ದಾಗ ಅವರು ಆಡಿದ ಮಾತುಗಳನ್ನು ತುಳಸಮ್ಮನೆಂಬ ಭಕ್ತೆ ಬರೆದಿಟ್ಟುಕೊಂಡರು. 'ಚಿದಾಕಾಶ ಗೀತೆ' ಎಂದು ಈಗ ಹಲವು ಭಾಷೆಗಳಲ್ಲಿರುವ ಆ ಪುಸ್ತಕ ಮೊದಲು ಅಚ್ಚಾದದ್ದು ಕನ್ನಡದಲ್ಲಿ. ಅವರು ಗುಹೆಗಳನ್ನು ಕೊರೆಸಿದ ಹೊಸದುರ್ಗ, ಎಂದರೆ ಕಾಞಂಗಾಡು, ಆಗ ದಕ್ಷಿಣ ಕನ್ನಡ ಜಿಲ್ಲೆಯಲ್ಲಿತ್ತು. ನಾವು ಹಬ್ಬವಾಗಿ ಆಚರಿಸುವ 1956ರ ಅದೇ ನವೆಂಬರ್ 1ರಂದು ಅದು ಕೇರಳಕ್ಕೆ ಸೇರಿತು. ಸ್ವಾಮಿಗಳು 1961ರ ಆಗಸ್ಟ್ 8ರಂದು ಇಲ್ಲಿಯ 'ಬೆಂಗಳೂರುವಾಲಾ' ಎಂಬ ಕಟ್ಟಡದಲ್ಲಿ ದೇಹ ಬಿಟ್ಟರು.

ಅಜ್ಜನವರು ಅವರನ್ನು ಕಂಡದ್ದು ಒಂದೇ ಸಲ, 1960ರಲ್ಲಿ. ದೋಸೆ ಭಟ್ಟರು ಒತ್ತಾಯಿಸಿ ಒಳಗೆ ಕರೆದೊಯ್ದಿದ್ದರಂತೆ. ಸ್ವಾಮಿಗಳು ಮಾತಾಡಲಿಲ್ಲ. ಹೊರಗೆ ಮಕ್ಕಳ ಪಂಕ್ತಿಯಲ್ಲಿ ಇವರನ್ನೂ ಕೂರಿಸಿ ಊಟ ಹಾಕಿದರು. ಬಡಿಸುತ್ತಿದ್ದವರೊಬ್ಬರು, "ಊರ್ ಯಾವ್ದಾ?" ಎಂದು ಕೇಳಿದರು. ಮುಂಬಯಿಗೆ ಬಂದ ಮೂರು ವರ್ಷಗಳಲ್ಲಿ ಕೆಲಸದ ಹೊರಗಿನವರೊಬ್ಬರು ತನ್ನ ಮಾತಿನಲ್ಲಿ ತನ್ನ ಊರು ಕೇಳಿದ್ದು ಅದೇ ಮೊದಲು ಎಂದರು. ಸ್ವಾಮಿಗಳ ವಿಷಯಕ್ಕಿಂತ ಆ ಬಡಿಸಿದವರ ವಿಷಯವನ್ನೇ ಅವರು ಹೆಚ್ಚು ಹೇಳಿದರು.

ನಾಲ್ಕು ಗಂಟೆಗೆ ಚಹಾ ಕುಡಿಯುತ್ತಿದ್ದಾಗ, ಅಂದು ಆ ಹೋಟೆಲಿನ ಮಾಳಿಗೆಯಲ್ಲಿ ಒಟ್ಟಿಗೆ ಮಲಗುತ್ತಿದ್ದ, ಈ ಕುಂಡಕ್ಕೆ ಜೊತೆಗೆ ಬರುತ್ತಿದ್ದ ಹುಡುಗರ ಹೆಸರುಗಳನ್ನು ಬರೆಸಬೇಕೆಂದು ಮಾಸ್ತರರು ಕೇಳಿಕೊಂಡರು. ಹನ್ನೊಂದು ಮಂದಿ ಇದ್ದರು. ಕೆಲವರ ಹೆಸರೇ ನೆನಪಿಲ್ಲ, ಊರು ಮಾತ್ರ: ಕೋಟದವನು, ಬೈಂದೂರಿನವನು, ಶಂಕರನಾರಾಯಣದ ಅಣ್ಣತಮ್ಮಂದಿರು. ಮೊಮ್ಮಗಳಿಗೆ ಕನ್ನಡ ಮಾತು ಬರುತ್ತದೆ, ಬರೆಯಲು ಬಾರದು. ಅವಳು ದೇವನಾಗರಿಯಲ್ಲಿ ಗೀಚಿಕೊಂಡಳು. ಎಂಟರ ವರೆಗೆ ಬಂತು. ಉಳಿದ ಮೂವರು ಮುಲುಂಡಿನ ವರೆಗೂ ನೆನಪಾಗಲಿಲ್ಲ. ರಾತ್ರಿ ಒಂಬತ್ತೂವರೆಗೆ ಅವರ ಮನೆಯಿಂದ ಮಾಸ್ತರರಿಗೆ ಫೋನು ಬಂತು. ಒಂಬತ್ತನೆಯವನು ತೆಕ್ಕಟ್ಟೆಯವನಂತೆ.