ಅವಮಾನದಿಂದ ಹುಟ್ಟಿದ ಸಾಹಿತ್ಯ ಚರಿತ್ರೆ

ಮಾನುಯೆಲ್ ಮಾರ್ತಿ ಸ್ಪೇನಿನ ಅಲಿಕಾಂತೆಯ ಚರ್ಚಿನ ಡೀನ್, ಹೆಸರಾಂತ ಲ್ಯಾಟಿನ್ ಪಂಡಿತ. 1735ರಲ್ಲಿ ಅಚ್ಚಾದ ಅವನ ಪತ್ರಗಳಲ್ಲಿ ಒಂದು, ಓದಲೆಂದು ಮೆಕ್ಸಿಕೊಗೆ ಹೋಗಬಯಸಿದ ತರುಣನಿಗೆ ಬರೆದದ್ದು. ಅಲ್ಲಿ ಪುಸ್ತಕಗಳಿಲ್ಲ, ಕಲಿಸುವವರಿಲ್ಲ, ಕಲಿಯುವ ಆಸೆ ಇರುವವರೂ ಇಲ್ಲ, ರೋಮಿಗೆ ಹೋಗು ಎಂಬುದು ಅದರ ಸಾರ. ಅಮೆರಿಕ ಖಂಡದ ಮೊದಲ ಮುದ್ರಣಾಲಯ ಮೆಕ್ಸಿಕೊ ನಗರದಲ್ಲಿ 1539ರಲ್ಲೇ ಶುರುವಾಗಿತ್ತೆಂಬುದನ್ನು ಮಾರ್ತಿ ಲೆಕ್ಕಕ್ಕೇ ತೆಗೆದುಕೊಳ್ಳಲಿಲ್ಲ.

ಆ ಪತ್ರ ಓದಿ ನೊಂದವರು ಮೆಕ್ಸಿಕೊ ವಿಶ್ವವಿದ್ಯಾಲಯದ ಧರ್ಮಶಾಸ್ತ್ರದ ಪ್ರಾಧ್ಯಾಪಕ ಹ್ವಾನ್ ಹೊಸೆ ದೆ ಎಗಿಯಾರಾ ಇ ಎಗುರೆನ್. ಒಂದು ಖಂಡನೆ ಬರೆದು ಅವರು ಸುಮ್ಮನಾಗಲಿಲ್ಲ. ತಮ್ಮ ನಾಡಿನಲ್ಲಿ ಬರೆದವರೆಲ್ಲರ ಹೆಸರು, ಕೃತಿ, ಬದುಕಿನ ವಿವರ ಕಲೆಹಾಕತೊಡಗಿದರು. ಸ್ಪೇನಿನಿಂದ ಮುದ್ರಣಯಂತ್ರವನ್ನೇ ತರಿಸಿಕೊಂಡರು. 1755ರಲ್ಲಿ ‘ಬಿಬ್ಲಿಯೊತೆಕಾ ಮೆಹಿಕಾನಾ’ದ ಮೊದಲ ಸಂಪುಟ ಹೊರಬಂತು. ಅಷ್ಟರಲ್ಲಿ ಮಾರ್ತಿ ತೀರಿಕೊಂಡು 18 ವರ್ಷವಾಗಿತ್ತು. ಪಂಡಿತನಿಗೆ ಪಂಡಿತನ ಭಾಷೆಯಲ್ಲೇ ಉತ್ತರಿಸಬೇಕೆಂದು ಎಗಿಯಾರಾ ಇಡೀ ಗ್ರಂಥವನ್ನು ಲ್ಯಾಟಿನ್ನಿನಲ್ಲಿ ಬರೆದರು, ಸ್ಪ್ಯಾನಿಷ್ ಪುಸ್ತಕಗಳ ಶೀರ್ಷಿಕೆಗಳನ್ನೂ ಲ್ಯಾಟಿನ್ನಿಗೆ ತಿರುಗಿಸಿದರು. ಲೇಖಕರನ್ನು ಮನೆತನದ ಹೆಸರಿನಿಂದಲ್ಲ, ಸ್ವಂತ ಹೆಸರಿನ ಅಕ್ಷರಾನುಕ್ರಮದಲ್ಲಿ ಜೋಡಿಸಿದರು. ಅಚ್ಚಾದದ್ದು ಮೂರೇ ಅಕ್ಷರ: ಎ, ಬಿ, ಸಿ. ಹೀಗಾಗಿ ಆ ನಾಡಿನ ಅತಿ ದೊಡ್ಡ ಕವಯಿತ್ರಿ, ಸನ್ಯಾಸಿನಿ ಸೋರ್ ಹ್ವಾನಾ ಇನೆಸ್ ಜೆ ಅಕ್ಷರದ ಸಾಲಿಗೆ ಸೇರಿ ಹಸ್ತಪ್ರತಿಯಲ್ಲೇ ಉಳಿದುಬಿಟ್ಟರು.

‘ನಮ್ಮಲ್ಲೂ ಸಾಹಿತ್ಯವಿದೆ’ ಎಂದು ಸಾಬೀತುಪಡಿಸುವ ಈ ತವಕ ಮುಂದಿನ ನೂರೈವತ್ತು ವರ್ಷ ಬಿಡಲಿಲ್ಲ. ಗ್ರಂಥಸೂಚಿಕಾರ ಬೆರಿಸ್ತಾಯಿನ್ ಸಿದ್ಧಪಡಿಸಿದ ಮೂರು ಸಂಪುಟಗಳ ಲೇಖಕರ ಸೂಚಿ 1816ರಿಂದ ಹೊರಬಂತು. ಅಂತರ್ಯುದ್ಧ, ಫ್ರೆಂಚರ ಆಕ್ರಮಣ ಮುಗಿದ ಮೇಲೆ ಲೇಖಕ ಅಲ್ತಮಿರಾನೊ 1869ರಲ್ಲಿ ‘ಎಲ್ ರೆನಸಿಮಿಯೆಂತೊ’ ಪತ್ರಿಕೆ ಕಟ್ಟಿ, ಎದುರಾಳಿ ಪಾಳೆಯಗಳಲ್ಲಿದ್ದ ಲೇಖಕರನ್ನು ಒಂದೇ ಪುಟಕ್ಕೆ ಕರೆತಂದರು. 1885ರಲ್ಲಿ ವಿದ್ವಾಂಸ ಪಿಮೆಂತೆಲ್ ಸಾಹಿತ್ಯದ ವಿಮರ್ಶಾತ್ಮಕ ಚರಿತ್ರೆ ಬರೆದರು. 1910ರಲ್ಲಿ ಸ್ವಾತಂತ್ರ್ಯ ಹೋರಾಟದ ಶತಮಾನೋತ್ಸವದ ಸಂಕಲನ ಬಂತು, ಅದೇ ವರ್ಷ ಮೆಕ್ಸಿಕೊ ಕ್ರಾಂತಿಯೂ ಸಿಡಿಯಿತು.

ಕ್ರಾಂತಿಯ ನಂತರ ಪ್ರಶ್ನೆ ಬದಲಾಯಿತು. ಸಾಹಿತ್ಯ ಇದೆಯೇ ಎಂಬುದೊಂದೇ ಈಗ ಪ್ರಶ್ನೆಯಾಗಿರಲಿಲ್ಲ. ಅದು ಸಾಕಷ್ಟು ‘ಗಂಡಸುತನ’ದ್ದೇ ಎಂದು 1924ರ ಕೊನೆಯಲ್ಲಿ ಪತ್ರಿಕೆಗಳಲ್ಲಿ ಜಗಳ ಶುರುವಾಯಿತು. ಆ ಜಗಳದಲ್ಲೇ ವಿಮರ್ಶಕ ಮೊಂತೆರ್ದೆ, ಸುಮಾರು ಹತ್ತು ವರ್ಷ ಬಹುಪಾಲು ಕಡೆಗಣಿತವಾಗಿದ್ದ ಅಸುವೆಲಾರ ಕ್ರಾಂತಿಯ ಕಾದಂಬರಿ ‘ಲೋಸ್ ದೆ ಅಬಾಹೊ’ದತ್ತ ಬೆರಳು ತೋರಿಸಿದರು. ಕೃತಿಗೆ ನ್ಯಾಯ ಸಿಕ್ಕಿತು, ಅಳತೆಗೋಲು ಮಾತ್ರ ಕೆಟ್ಟದ್ದು. ಅದೇ ಕ್ರಾಂತಿಯನ್ನು ಮಗುವಿನ ಕಣ್ಣಿನಿಂದ ಕಂಡ ನೆಲ್ಲಿ ಕಂಪೊಬೆಯೊರ ‘ಕಾರ್ತೂಚೊ’ 1931ರಲ್ಲಿ ಬಂತು. 1960ರಲ್ಲಿ ಕ್ರಾಂತಿ ಕಾದಂಬರಿಗಳ ದೊಡ್ಡ ಸಂಕಲನ ಸಿದ್ಧವಾದಾಗ ಅದರಲ್ಲಿದ್ದ ಏಕೈಕ ಮಹಿಳೆ ಆಕೆ.

ಆದರೆ ಈ ಕ್ಷೇತ್ರದ ಬುಡವನ್ನೇ ಅಲುಗಾಡಿಸಿದವರು ಪಾದ್ರಿ ಆಂಖೆಲ್ ಮರಿಯಾ ಗಾರಿಬಾಯ್. 1953-54ರಲ್ಲಿ ಬಂದ ಅವರ ಎರಡು ಸಂಪುಟಗಳ, ಮೂಲನಿವಾಸಿ ಭಾಷೆ ನಾವಾಟಲ್‌ನ ಸಾಹಿತ್ಯ ಚರಿತ್ರೆ, ಸ್ಪೇನಿನವರು ಬರುವುದಕ್ಕೆ ಮೊದಲೇ ಅಲ್ಲಿ ಕಾವ್ಯವಿತ್ತೆಂದು ಸಾರಿತು. ಶಿಷ್ಯ ಲೆಯೊನ್-ಪೊರ್ತಿಯಾ 1959ರಲ್ಲಿ, ಸೋತವರ ಬಾಯಿಂದಲೇ ಬಂದ ಆಕ್ರಮಣದ ಕಥನವನ್ನು ಸಾಮಾನ್ಯ ಓದುಗರ ಕೈಗಿತ್ತರು. ಮುಂದೆ ಈ ಪ್ರಾಚೀನ ಕಾವ್ಯದ ವಾದಕ್ಕೂ ತಕರಾರು ಬಂತು. ತೆಸ್ಕೊಕೊದ ದೊರೆ ನೆಸಾವಲ್ಕೊಯೊಟಲ್ ತೀರಿಕೊಂಡದ್ದು 1472ರಲ್ಲಿ. ಅವನದೆನ್ನುವ ಹಾಡುಗಳು ನಮಗೆ ಸಿಗುವುದು 16ನೇ ಶತಮಾನದ ಕೊನೆಯ ಭಾಗದ ಹಸ್ತಪ್ರತಿಗಳಲ್ಲಿ. ಅವು ನಿಜವಾಗಿ ಅವನವೇ, ಇಲ್ಲ ವಸಾಹತು ಕಾಲದ ಚರಿತ್ರಕಾರರು ಅವನ ತಲೆಗೆ ಕಟ್ಟಿದ್ದೇ? ಚರ್ಚೆ ಇನ್ನೂ ಮುಗಿದಿಲ್ಲ. ಕರ್ತೃತ್ವದ ಬಗ್ಗೆ ಸಂದೇಹಪಡುವವರ ವಾದವೇ ಗಟ್ಟಿ ಎಂದು ನನಗನ್ನಿಸುತ್ತದೆ. ಹಾಗೆಂದು ಹಾಡುಗಳ ಬೆಲೆ ಎಳ್ಳಷ್ಟೂ ಕುಗ್ಗುವುದಿಲ್ಲ.

ಸೋರ್ ಹ್ವಾನಾ ಮತ್ತೆ ನಡುಮನೆಗೆ ಬಂದದ್ದು 20ನೇ ಶತಮಾನದಲ್ಲಿ. 1951ರಿಂದ ಅವರ ಸಮಗ್ರ ಕೃತಿಗಳ ನಾಲ್ಕು ಸಂಪುಟ ಬಂದವು. 1962ರಿಂದ 68ರವರೆಗೆ ದೆಹಲಿಯಲ್ಲಿ ಮೆಕ್ಸಿಕೊದ ರಾಯಭಾರಿಯಾಗಿದ್ದ ಕವಿ ಆಕ್ಟೇವಿಯೊ ಪಾಜ್ 1982ರಲ್ಲಿ ಆಕೆಯ ಬಗ್ಗೆ ಬೃಹತ್ ಗ್ರಂಥ ಬರೆದರು. ಮೆಕ್ಸಿಕೊದ 100 ಪೆಸೊ ನೋಟಿನ ಮೇಲೆ ಬಹುಕಾಲ ನೆಸಾವಲ್ಕೊಯೊಟಲ್ ಮುಖವಿತ್ತು, 2020ರಲ್ಲಿ ಆ ಜಾಗಕ್ಕೆ ಸೋರ್ ಹ್ವಾನಾ ಬಂದರು.

ಪ್ರಾಚೀನ ನಾವಾಟಲನ್ನು ಹೊತ್ತು ಮೆರೆಸಿದ ಚರಿತ್ರಕಾರರು, ಇಂದು ಸಂತೆಯಲ್ಲಿ ಅದೇ ಭಾಷೆ ಆಡುವವರು ಏನು ಬರೆಯುತ್ತಾರೆಂದು ಬಹುಕಾಲ ಕೇಳಲೇ ಇಲ್ಲ. ಸರ್ಕಾರದ ಲೆಕ್ಕದಲ್ಲೇ ಅಲ್ಲಿ 68 ಮೂಲನಿವಾಸಿ ಭಾಷೆಗಳಿವೆ. ಕಾನೂನು ಅವನ್ನು ರಾಷ್ಟ್ರೀಯ ಭಾಷೆಗಳೆಂದು ಒಪ್ಪಿದ್ದು 2003ರಲ್ಲಿ. ಸಪೊಟೆಕ್ ಭಾಷೆಯಲ್ಲಿ ನತಾಲಿಯಾ ತೊಲೆದೊ, ಮಾಯಾದಲ್ಲಿ ಬ್ರಿಸೇಯ್ದಾ ಕುಯೆವಾಸ್ ಕೋಬ್ ಬರೆಯುತ್ತಿದ್ದಾರೆ. ಮಿಹೆ ಭಾಷೆಯ ವಿದ್ವಾಂಸೆ ಯಾಸ್ನಾಯಾ ಅಗಿಲಾರ್ ‘ಮೂಲನಿವಾಸಿ ಸಾಹಿತ್ಯ’ ಎಂಬ ಒಂದೇ ಚೀಲವನ್ನೇ ಒಪ್ಪುವುದಿಲ್ಲ: ಬೇರೆಬೇರೆ ಭಾಷಾ ಕುಟುಂಬಗಳಿಗೆ ಸೇರಿದ ಇಷ್ಟು ಭಾಷೆಗಳನ್ನು, ಸ್ಪ್ಯಾನಿಷ್ ಅಲ್ಲ ಎಂಬ ಒಂದೇ ಕಾರಣಕ್ಕೆ ಒಟ್ಟಿಗೆ ತುಂಬಬಹುದೇ ಎಂಬುದು ಆಕೆಯ ಪ್ರಶ್ನೆ.

ಮೆಕ್ಸಿಕೊ ಎಂದರೆ ಪಾಜ್ ಮತ್ತು ‘ಪೆದ್ರೊ ಪಾರಮೊ’ದ ರುಲ್ಫೊ ಎಂದು ತಿಳಿದಿರುವ ನಮ್ಮ ಓದುಗರು, ಅನುವಾದಕರು ಇನ್ನು ಕಂಪೊಬೆಯೊ ಮತ್ತು ತೊಲೆದೊರ ಪುಸ್ತಕಗಳನ್ನೂ ಕೈಗೆತ್ತಿಕೊಳ್ಳಬೇಕು.